ಮೂರರಿಂದ ಭಾಗಿಸಿ, ಶೇಷ ಒಳಗಿಡಿ: ಘನಮೂಲ ಕಲಿಸಿದ ನನ್ನ ಅನುಭವ

ಅಪವರ್ತನ ವೃಕ್ಷ (ಸಂಖ್ಯೆಯನ್ನು ಕೊಂಬೆ ಕೊಂಬೆಯಾಗಿ ಒಡೆದು ತೋರಿಸುವ ಚಿತ್ರ) ಬಿಡಿಸದೆ ಘನಮೂಲ (ಗುರುತು ∛; 2×2×2=8, ಆದ್ದರಿಂದ ∛8=2) ಕಲಿಸಿದರೆ ಮಕ್ಕಳಿಗೆ ಏನೂ ತಲೆಗೆ ಹೋಗುವುದಿಲ್ಲ ಎಂದು ಟ್ಯೂಷನ್ ನಡೆಸುವ ಮೂರ್ನಾಲ್ಕು ಮೇಷ್ಟ್ರುಗಳು ಪಟ್ಟು ಹಿಡಿದಿದ್ದರು. ಈಗ ನನ್ನ ಬ್ಯಾಚಿನಲ್ಲಿ ಹತ್ತಕ್ಕೆ ಎಂಟು ಮಕ್ಕಳು ∛(54ಅ⁷ಬ⁵) ಸರಳಗೊಳಿಸುವ ಲೆಕ್ಕವನ್ನು ಹೆಚ್ಚುಕಡಿಮೆ ಅರ್ಧ ನಿಮಿಷದಲ್ಲಿ ಮುಗಿಸುತ್ತಾರೆ. ಅದೇ ಮೇಷ್ಟ್ರುಗಳು ಈಗ ನನ್ನ ಅಭ್ಯಾಸದ ಹಾಳೆ ಕೇಳಿ ಒಯ್ಯುತ್ತಾರೆ. (ಎಕ್ಸ್ ಬರೆದರೆ ಗುಣಾಕಾರದ ಗುರುತಿನೊಂದಿಗೆ ಕಲಸಿಹೋಗುತ್ತದೆ, ಅದಕ್ಕೇ ಬೋರ್ಡಿನ ಮೇಲೆ ಅ, ಬ.)

ಘಾತವನ್ನು (ಅಕ್ಷರದ ತಲೆಯ ಮೇಲಿನ ಸಣ್ಣ ಅಂಕಿ) 3ರಿಂದ ಭಾಗಿಸಿ. ಭಾಗಲಬ್ಧ ∛ ಗುರುತಿನ ಹೊರಗೆ, ಶೇಷ ಒಳಗೆ. 7ಕ್ಕೆ ಭಾಗಲಬ್ಧ 2, ಶೇಷ 1. 5ಕ್ಕೆ 1 ಮತ್ತು 2. 54 ಅಂದರೆ 27×2; 27 ಅಂದರೆ 3×3×3, ಅದು 3 ಆಗಿ ಹೊರಗೆ. ಉತ್ತರ 3ಅ²ಬ∛(2ಅಬ²).

ಅಕ್ಷರಗಳಲ್ಲಿ ಯಾರೂ ಎಡವುವುದಿಲ್ಲ, ಎಡವುವುದು ಸಂಖ್ಯೆಯಲ್ಲಿ. ∛432 ಕೊಟ್ಟರೆ 8×54 ಮಾಡಿ 2∛54 ಎಂದು ಬರೆದು ಪೆನ್ನು ಕೆಳಗಿಡುತ್ತಾರೆ. 54ರೊಳಗೆ ಇನ್ನೊಂದು ಘನ, 27, ಹಾಗೇ ಉಳಿದಿರುತ್ತದೆ. ಆದ್ದರಿಂದ 10×10×10ರಿಂದ 2×2×2ರವರೆಗಿನ ಘನಗಳ ಪಟ್ಟಿಯನ್ನು ಮೇಲಿನಿಂದ ಕೆಳಗೆ ಹೇಳಿಸುತ್ತೇನೆ: 1000, 729, 512, 343, 216, 125, 64, 27, 8. ಕೊಟ್ಟ ಸಂಖ್ಯೆಯೇ ಪೂರ್ಣ ಘನವಲ್ಲದಿದ್ದರೆ ಅದರ ಅರ್ಧಕ್ಕಿಂತ ದೊಡ್ಡ ಘನವನ್ನು ನೋಡುವುದೇ ಬೇಡ. 432ರ ಅರ್ಧ 216, ಮೊದಲ ಏಟಿಗೇ ಸಿಕ್ಕಿತು: 6∛2. 2000 ದಾಟಿದ ಸಂಖ್ಯೆಗಳಿಗೆ ಬೇರೆ ಉಪಾಯವಿದೆ, ಅದು ಬ್ಯಾಚಿಗೆ ಬರುವವರಿಗೆ ಮಾತ್ರ.

ಋಣ ಚಿಹ್ನೆಗೆ ಹೆದರಬೇಕಿಲ್ಲ, ನೇರ ಹೊರಗೆ ಬರುತ್ತದೆ: ∛(−432ಅ⁸) = −6ಅ²∛(2ಅ²).

ದುಡ್ಡು ಹೋದದ್ದು ಮರದ ಘನಗಳಿಗೆ. 64 ತುಂಡುಗಳ ಪೆಟ್ಟಿಗೆಗೆ ಸುಮಾರು 600 ರೂಪಾಯಿ. 27, 64 ಎಂದರೇನು ಎಂಬುದು ಚೆನ್ನಾಗಿ ಕಂಡಿತು, ಆದರೆ ಅ⁷ ಬಂದಾಗ ಅದು ಯಾವ ಕೆಲಸಕ್ಕೂ ಬರಲಿಲ್ಲ. ಅಭ್ಯಾಸದ ಹಾಳೆಯ ಬಣ್ಣದ ಜೆರಾಕ್ಸ್‌ಗೆ ಪ್ರತಿ ಸಲ ಮುನ್ನೂರರ ಹತ್ತಿರ ಬೀಳುತ್ತಿತ್ತು. ಕಪ್ಪು-ಬಿಳುಪು ಹಾಳೆಯಲ್ಲಿ ಹೊರಬರುವ ಪದಕ್ಕೆ ಮಕ್ಕಳ ಕೈಯಲ್ಲೇ ಕೆಂಪು ಗೆರೆ ಎಳೆಸಿದರೆ ಅದಕ್ಕಿಂತ ಚೆನ್ನಾಗಿ ನೆನಪಿರುತ್ತದೆ, ಖರ್ಚೂ ಐದನೇ ಒಂದು ಭಾಗ.

ಅಂಕ ಹೆಚ್ಚು ಹೋಗುವುದು ಛೇದದಿಂದ ಕರಣಿಯನ್ನು (∛ ಗುರುತಿನ ಪದ) ತೆಗೆಯುವಾಗ. 1/∛(4ಅ) ಕಂಡರೆ ವರ್ಗಮೂಲದ ಅಭ್ಯಾಸದಿಂದ ಮೇಲೆ ಕೆಳಗೆ ∛(4ಅ)ಯಿಂದಲೇ ಗುಣಿಸುತ್ತಾರೆ. ಕೆಳಗೆ ∛(16ಅ²) ಆಗಿ ಕರಣಿ ಹಾಗೇ ಉಳಿಯುತ್ತದೆ. ಪ್ರತಿ ಘಾತ ಮೂರಾಗಲು ಎಷ್ಟು ಕೊರತೆಯಿದೆಯೋ ಅಷ್ಟನ್ನೇ ತುಂಬಬೇಕು. 4ರಲ್ಲಿ ಎರಡು 2 ಇವೆ, ಇನ್ನೊಂದು ಬೇಕು. ಅ ಒಂದಿದೆ, ಇನ್ನೆರಡು ಬೇಕು. ∛(2ಅ²)ಯಿಂದ ಗುಣಿಸಿ, ಕೆಳಗೆ ∛(8ಅ³), ಅಂದರೆ 2ಅ. ಉತ್ತರ ∛(2ಅ²)/(2ಅ). ಈ ‘ಕೊರತೆ’ ಎಂಬ ಮಾತು ಹಿಡಿಸಿದ ಮೇಲೆ ಛೇದದ ಲೆಕ್ಕ ಯಾರಿಗೂ ತಪ್ಪಲಿಲ್ಲ ಎನ್ನಬಹುದು.

∛(ಅ³+8) ಅನ್ನು ಅ+2 ಎಂದು ಬರೆಯುವವರ ಜೊತೆ ವಾದ ಬೇಡ. ಅ=1 ಹಾಕಿಸಿ: ಒಂದು ಕಡೆ ∛9, ಸುಮಾರು 2.08, ಇನ್ನೊಂದು ಕಡೆ 3.

ನಾಲ್ಕನೇ ಮೂಲಕ್ಕೂ ಇದನ್ನೇ 4ರಿಂದ ಭಾಗಿಸಿ ನೋಡಿದೆ. ನಡೆಯುತ್ತದೆ, ಆದರೆ ಅ⁴ರ ನಾಲ್ಕನೇ ಮೂಲ ಅ ಅಲ್ಲ, ಅದರ ನಿರಪೇಕ್ಷ ಮೌಲ್ಯ (ಋಣ ಚಿಹ್ನೆ ಬಿಟ್ಟ ಬೆಲೆ). ಘನಮೂಲ ಗಟ್ಟಿಯಾಗುವ ಮೊದಲು ಇದನ್ನು ತಂದರೆ ಎರಡೂ ಕೆಡುತ್ತವೆ. ಐದನೇ ಮೂಲದಲ್ಲಿ ಆ ತೊಂದರೆಯಿಲ್ಲ.

ತಾಳೆ ನೋಡಲು: ಹೊರಗಿನ ಅಕ್ಷರಗಳ ಘಾತಗಳ ಮೊತ್ತದ ಮೂರರಷ್ಟಕ್ಕೆ ಒಳಗಿನ ಅಕ್ಷರಗಳ ಘಾತಗಳ ಮೊತ್ತ ಕೂಡಿಸಿ. ಮೊದಲ ಲೆಕ್ಕದಲ್ಲಿ 9+3=12, ಕೊಟ್ಟ ಪ್ರಶ್ನೆಯಲ್ಲಿ 7+5=12. ಕೂಡದಿದ್ದರೆ ಉತ್ತರ ಹೊಡೆದುಹಾಕಿ ಘಾತದ ಸಾಲಿನಿಂದ ಮತ್ತೆ ಶುರು ಮಾಡಿಸಿ.