ತರಬೇತಿಗೆ ಎಂಥ ಲೀಶ್? ಅಂಗಡಿಗೆ ಹೋಗುವ ಮೊದಲು ಅಳತೆ ಹಿಡಿಯಿರಿ

ಅಂಗಡಿಗೆ ಹೋಗಿ ‘ನಾಯಿಗೊಂದು ಬೆಲ್ಟ್ ಕೊಡಿ’ ಎಂದರೆ ಸಾಮಾನ್ಯವಾಗಿ ಕೈಗೆ ಬರುವುದು ನಾಲ್ಕಡಿಯ ನೈಲಾನ್ ಪಟ್ಟಿ, ಅದರ ತುದಿಗೆ ಹೊಳೆಯುವ ದಪ್ಪ ಕೊಂಡಿ, ಜೊತೆಗೆ ಅದೇ ಬಣ್ಣದ ಕಾಲರ್. ಗೇಟಿನಿಂದ ಬೀದಿಯ ತುದಿಯವರೆಗೆ ಹೋಗಿಬರಲು ಅದು ಸಾಕು. ಆದರೆ ಜಗ್ಗದೆ ಪಕ್ಕದಲ್ಲಿ ನಡೆಯುವುದನ್ನು, ಕರೆದ ಕೂಡಲೇ ಓಡಿ ಬರುವುದನ್ನು ಕಲಿಸಬೇಕೆಂದಿದ್ದರೆ ಲೀಶ್, ಅಂದರೆ ನಾಯಿಯನ್ನು ಹಿಡಿದು ನಡೆಸುವ ಪಟ್ಟಿ ಅಥವಾ ಹಗ್ಗ, ಆರಿಸುವ ಕ್ರಮವೇ ಬೇರೆ. ಮೊದಲು ಉದ್ದ, ಆಮೇಲೆ ಕೊಂಡಿ, ಅದಾದ ಮೇಲೆ ಪಟ್ಟಿ ಯಾವುದರದ್ದು ಎಂಬುದು. ಬಣ್ಣ ನೋಡುವುದು ಕಟ್ಟಕಡೆಗೆ. ಹೆಚ್ಚಿನವರು ಇದನ್ನು ತಲೆಕೆಳಗು ಮಾಡಿ ಕೊಳ್ಳುತ್ತಾರೆ. ಕೆಲವೇ ವಾರಗಳಲ್ಲಿ ನಾಯಿ ಜಗ್ಗುವುದನ್ನು ರೂಢಿ ಮಾಡಿಕೊಂಡಿರುತ್ತದೆ.

ನಾಯಿ ಪಾಠ ಕಲಿಯುವುದು ಲೀಶ್ ಸಡಿಲವಾಗಿ ಜೋತಾಡುವಾಗ. ನಿಮ್ಮ ಕೈಯಿಂದ ಇಳಿದು, ನಾಯಿಯ ಕೊರಳ ಬಳಿ ಮತ್ತೆ ಸ್ವಲ್ಪ ಮೇಲೇಳುವ ಜೋಲು ಇರಬೇಕು. ಬಿಗಿಯಾದ ಲೀಶಿಗೆ ನಾಯಿ ಎದುರು ಜಗ್ಗುತ್ತದೆ, ಅದು ಅದರ ಸಹಜ ಸ್ವಭಾವ. ಸದಾ ಬಿಗಿಯಾಗಿಯೇ ಇದ್ದರೆ ‘ಈಗ ಬಿಗಿಯಾಯಿತು, ನಿಲ್ಲು’ ಎಂಬ ಸೂಚನೆ ಅದಕ್ಕೆ ತಲುಪುವುದೇ ಇಲ್ಲ. ಹಾಗಾಗಿ ಸಡಿಲವಾಗಿ ಜೋತಾಡಬಲ್ಲ ಲೀಶ್ ಯಾವುದು ಎಂದು ಹುಡುಕಿ.

ಹಂತ 1: ಪಾಠಕ್ಕೆ ತಕ್ಕ ಉದ್ದ

ರಸ್ತೆಯಲ್ಲಿ ಜಗ್ಗದೆ ನಡೆಸುವ ಅಭ್ಯಾಸಕ್ಕೆ 6 ಅಡಿ, ಅಂದರೆ ಸುಮಾರು 1.8 ಮೀಟರ್ ಉದ್ದದ ಲೀಶ್ ಬೇಕು. ನಾಲ್ಕಡಿಯದು ಏಕೆ ಸಾಲದು ಎಂಬುದನ್ನು ಒಂದು ಲೆಕ್ಕ ಹಾಕಿ ನೋಡಬಹುದು. ನಿಂತಾಗ ನಿಮ್ಮ ಕೈ ಸೊಂಟದ ಬಳಿ, ನೆಲದಿಂದ ಸುಮಾರು 90 ಸೆಂ.ಮೀ. ಎತ್ತರದಲ್ಲಿರುತ್ತದೆ. ಪಗ್ ಅಥವಾ ಸಣ್ಣ ಮರಿಯ ಕೊರಳು 20 ಸೆಂ.ಮೀ. ಎತ್ತರದಲ್ಲಿರುತ್ತದೆ. ಕೈಯಿಂದ ಕೊರಳಿಗೆ ಇಳಿಯುವುದಕ್ಕೇ 70 ಸೆಂ.ಮೀ. ಬೇಕು. ನಾಲ್ಕಡಿಯ ಲೀಶಿನಲ್ಲಿ ಆ ಮರಿ ನಿಮ್ಮಿಂದ ಒಂದು ಮೀಟರ್ ದೂರ ಹೋಗುವಷ್ಟರಲ್ಲಿ ಲೀಶ್ ಬಿಗಿಯಾಗುತ್ತದೆ. ಆರಡಿಯದಾದರೆ ಒಂದೂವರೆ ಮೀಟರ್ ದಾಟಿದ ಮೇಲೂ ಸ್ವಲ್ಪ ಜೋಲು ಉಳಿದಿರುತ್ತದೆ. ದೊಡ್ಡ ಲ್ಯಾಬ್ರಡಾರ್‌ನ ಕೊರಳು ಎತ್ತರದಲ್ಲಿರುವುದರಿಂದ ಅದಕ್ಕೆ ಅದೇ ಲೀಶಿನಲ್ಲಿ ಇನ್ನೂ ಹೆಚ್ಚು ಜಾಗ ಸಿಗುತ್ತದೆ. ಅಂದರೆ ಸಣ್ಣ ನಾಯಿಗೆ ಸಣ್ಣ ಲೀಶ್ ಎಂಬುದು ತಪ್ಪು ಲೆಕ್ಕ. ಸಣ್ಣ ನಾಯಿಗೆ ಪಟ್ಟಿ ಕಿರಿದಾಗಿರಲಿ, ಉದ್ದ ಮಾತ್ರ ಕಡಿಮೆಯಾಗದಿರಲಿ.

ನಾಲ್ಕಡಿಯದು ಕೆಲಸಕ್ಕೆ ಬಾರದ್ದೇನೂ ಅಲ್ಲ. ಲಿಫ್ಟ್, ಪಶುವೈದ್ಯರ ಕೊಠಡಿ, ಸಂತೆಬೀದಿಯಂಥ ಇಕ್ಕಟ್ಟಿನ ಜಾಗಗಳಿಗೆ, ಈಗಾಗಲೇ ನಡೆಯಲು ಕಲಿತ ನಾಯಿಗೆ ಅದೇ ಸರಿ.

ಕರೆದಾಗ ಬರುವುದನ್ನು ಕಲಿಸಲು ಉದ್ದ ಹಗ್ಗ ಬೇಕು: ಮೊದಲು 5 ಮೀಟರಿನದು, ಅದರಲ್ಲಿ ಪಾಠ ಗಟ್ಟಿಯಾದ ಮೇಲೆ 10 ಮೀಟರಿನದು. ಮೊದಲೇ ಹತ್ತು ಮೀಟರ್ ಬಿಟ್ಟರೆ ಹಗ್ಗ ನಿಮ್ಮ ಕಾಲಿಗೇ ತೊಡರುತ್ತದೆ.

ಎರಡು-ಮೂರು ತಿಂಗಳ ಮರಿಗೆ ಮನೆಯೊಳಗೆ ಹಾಕಲು ಒಂದೂವರೆ ಮೀಟರಿನ ತೆಳು ಹಗ್ಗ ಸಾಕು. ಕೈ ತೂರಿಸುವ ಕುಣಿಕೆ ಅದಕ್ಕೆ ಬೇಡ, ಕುರ್ಚಿ ಕಾಲಿಗೆ ಸಿಕ್ಕಿಕೊಳ್ಳುತ್ತದೆ. ಮರಿ ಚಪ್ಪಲಿ ಕಚ್ಚಿಕೊಂಡು ಓಡಿದರೆ ಹಿಂದೆ ಓಡಬೇಕಿಲ್ಲ, ಹಗ್ಗದ ತುದಿ ಮೆಟ್ಟಿದರಾಯಿತು. ನೀವು ಎದುರಿಗಿದ್ದಾಗ ಮಾತ್ರ ಹಾಕಿ, ಹೊರಗೆ ಹೋಗುವಾಗ ತೆಗೆದುಬಿಡಿ.

ಹಂತ 2: ಕೊಂಡಿಯನ್ನು ಕೈಯಲ್ಲಿ ಹಿಡಿದು ನೋಡಿ

ಲೀಶ್ ನಡುವೆ ಹರಿಯುವುದು ಅಪರೂಪ. ಕೈಕೊಡುವುದು ಕೊಂಡಿ, ಇಲ್ಲವೇ ಕೊಂಡಿಯ ಬುಡದ ಹೊಲಿಗೆ. ಆದ್ದರಿಂದ ಅಂಗಡಿಯಲ್ಲಿ ಹೆಚ್ಚು ಹೊತ್ತು ನೋಡಬೇಕಾದದ್ದು ಇದನ್ನೇ.

ಮೊದಲು ತೂಕ. ಮೂರು ಕೆ.ಜಿ.ಯ ಮರಿಗೆ 80 ಗ್ರಾಂ ಕೊಂಡಿ ಹಾಕಿದರೆ, 60 ಕೆ.ಜಿ.ಯ ಮನುಷ್ಯನ ಕೊರಳಿಗೆ ಒಂದೂವರೆ ಕೆ.ಜಿ.ಗೂ ಹೆಚ್ಚಿನ ಬೀಗ ನೇತುಹಾಕಿದಂತೆ. ನಡೆದಾಗಲೆಲ್ಲ ಅದು ಗಂಟಲಿಗೆ ಬಡಿಯುತ್ತದೆ. ಎಷ್ಟೋ ಮರಿಗಳು ಲೀಶ್ ಕಂಡರೆ ಕೂತುಬಿಡುವುದಕ್ಕೆ ಹಟ ಕಾರಣವಲ್ಲ, ಈ ಭಾರ ಕಾರಣ.

ಆಮೇಲೆ ಲೋಹ. ಹಿತ್ತಾಳೆ ಅಥವಾ ಸ್ಟೇನ್‌ಲೆಸ್ ಸ್ಟೀಲ್ ಕೊಂಡಿ ಒಳ್ಳೆಯದು. ಅಗ್ಗದ ಲೀಶುಗಳಲ್ಲಿ ಸಾಮಾನ್ಯವಾಗಿ ಇರುವುದು ಅಚ್ಚಿಗೆ ಹೊಯ್ದ ಸತುವಿನ ಮಿಶ್ರಲೋಹ, ಮೇಲೆ ಕ್ರೋಮಿಯಂ ಹೊಳಪು. ಅದು ಬಾಗುವುದಿಲ್ಲ, ಮುನ್ಸೂಚನೆ ಕೊಡದೆ ಪಟ್ಟನೆ ತುಂಡಾಗುತ್ತದೆ. ಅಚ್ಚು ಕೂಡಿದ ಗೆರೆ ಎದ್ದು ಕಾಣುತ್ತಿದ್ದರೆ, ಒಳಬದಿಯಲ್ಲಿ ಸಣ್ಣ ತೂತು, ಗುಳ್ಳೆಗಳಿದ್ದರೆ ಅನುಮಾನಿಸಿ. ಜೇಬಿನಲ್ಲೊಂದು ಅಯಸ್ಕಾಂತ ಇಟ್ಟುಕೊಂಡು ಹೋದರೆ ಇನ್ನೂ ಒಂದು ವಿಷಯ ಗೊತ್ತಾಗುತ್ತದೆ. ಗಟ್ಟಿಯಾಗಿ ಅಂಟಿಕೊಂಡರೆ ಅದು ಸಾಮಾನ್ಯವಾಗಿ ಲೇಪ ಮಾಡಿದ ಕಬ್ಬಿಣ. ಬಲವಿರುತ್ತದೆ, ಆದರೆ ಲೇಪ ಹೋದ ಮೇಲೆ ತುಕ್ಕು ಹಿಡಿಯುತ್ತದೆ.

ಮೂರನೆಯದು ಬಾಯಿ. ಹೆಬ್ಬೆರಳಿನಿಂದ ಗುಂಡಿ ಜಾರಿಸಿ ತೆರೆಯುವ ಕೊಂಡಿ ಎಲ್ಲೆಡೆ ಸಿಗುತ್ತದೆ, ಹೆಚ್ಚಿನವರಿಗೆ ಅದೇ ಸಾಕು. ಮರಳು, ಕೆಸರು ಹೊಕ್ಕರೆ ಅದು ಪೂರ್ತಿ ಮುಚ್ಚಿಕೊಳ್ಳುವುದಿಲ್ಲ ಎಂಬುದನ್ನು ನೆನಪಿಡಬೇಕು. ಹತ್ತು ಸಲ ತೆರೆದು ಬಿಡಿ. ಒಂದು ಸಲ ಅರ್ಧಕ್ಕೆ ನಿಂತರೂ ಆ ಕೊಂಡಿ ಬೇಡ. ಬಲವಾಗಿ ಜಗ್ಗುವ ನಾಯಿಗೆ ತಿರುಪು ಹಾಕಿ ಭದ್ರ ಮಾಡುವ ಕ್ಯಾರಬೀನರ್ ಕೊಂಡಿ ಹೆಚ್ಚು ನಂಬಿಕೆಯದು.

ಕೊಂಡಿಯ ಬುಡ ಸರಾಗವಾಗಿ ಸುತ್ತುತ್ತದೆಯೇ ಎಂದೂ ನೋಡಿ. ಸುತ್ತದಿದ್ದರೆ ನಾಯಿ ತಿರುಗಿದಷ್ಟೂ ಪಟ್ಟಿ ಮುರಿ ಬೀಳುತ್ತದೆ, ಉದ್ದ ಕಡಿಮೆಯಾಗುತ್ತದೆ.

ಹಂತ 3: ಪಟ್ಟಿ ಮತ್ತು ಅಗಲ

10 ಕೆ.ಜಿ.ಯೊಳಗಿನ ನಾಯಿಗೆ 10ರಿಂದ 12 ಮಿ.ಮೀ. ಅಗಲ ಸಾಕು. ಬೀದಿಯಿಂದ ತಂದು ಸಾಕಿದ ನಾಟಿ ನಾಯಿಗಳು ಬೆಳೆದ ಮೇಲೆ ಬಹುಪಾಲು 15ರಿಂದ 20 ಕೆ.ಜಿ. ತೂಗುತ್ತವೆ, ಅವಕ್ಕೆ 15–20 ಮಿ.ಮೀ. ಪಟ್ಟಿ. ಲ್ಯಾಬ್ರಡಾರ್, ಜರ್ಮನ್ ಶೆಫರ್ಡ್‌ಗಳಿಗೆ 20–25 ಮಿ.ಮೀ. ಇದಕ್ಕಿಂತ ಅಗಲವಾದರೆ ಕೈಮುಷ್ಟಿಯಲ್ಲಿ ಮಡಿಸಿ ಹಿಡಿಯಲು ಬರುವುದಿಲ್ಲ.

ನೈಲಾನ್ ಅಗ್ಗ, ಗಟ್ಟಿ, ಬೇಗ ಒಣಗುತ್ತದೆ. ದೋಷ ಒಂದೇ, ಆದರೆ ದೊಡ್ಡದು: ನಾಯಿ ಹಠಾತ್ತನೆ ಓಡಿದರೆ ಅಂಗೈಯಲ್ಲಿ ಜಾರಿ ಚರ್ಮ ಸುಡುತ್ತದೆ. ಕೊಳ್ಳುವಾಗ ಪಟ್ಟಿಯ ಅಂಚನ್ನು ಬೆರಳ ನಡುವೆ ಎಳೆದು ನೋಡಿ. ಗರಗಸದಂತೆ ಕೊರೆದರೆ ಪಕ್ಕಕ್ಕಿಡಿ. ಹತ್ತಿಯದು ಕೈಗೆ ಹಿತ, ಹಿಡಿತ ಚೆನ್ನಾಗಿ ಸಿಗುತ್ತದೆ. ಆದರೆ ನೀರು ಕುಡಿದು ಭಾರವಾಗುತ್ತದೆ, ತೇವದಲ್ಲೇ ಬಿಟ್ಟರೆ ಕೊಳೆಯುತ್ತದೆ. ಚರ್ಮದ ಲೀಶ್ ಬಳಸಿದಷ್ಟೂ ಮೆತ್ತಗಾಗುತ್ತದೆ, ನಾಯಿಯ ಸಣ್ಣ ಚಲನೆಯೂ ಕೈಗೆ ತಿಳಿಯುತ್ತದೆ. ಬಯಲುಸೀಮೆಯ ಒಣ ಹವೆಯಲ್ಲಿ ಆರಡಿ ಲೀಶಿಗೆ ಅದಕ್ಕಿಂತ ಒಳ್ಳೆಯದು ಇಲ್ಲ. ಮಲೆನಾಡು, ಕರಾವಳಿಯ ಮಳೆಗಾಲದಲ್ಲಿ ಅದಕ್ಕೆ ಬೂಷ್ಟು ಹಿಡಿಯುತ್ತದೆ. ಅಲ್ಲಿಯವರಿಗೆ ಪಾಲಿಯೆಸ್ಟರ್ ಪಟ್ಟಿಯ ಮೇಲೆ ಪ್ಲಾಸ್ಟಿಕ್ ಲೇಪ ಮಾಡಿದ, ಬಯೋಥೇನ್ ಬಗೆಯದು ಅನುಕೂಲ. ಕೆಸರಾದರೆ ನಲ್ಲಿಯಡಿ ತೊಳೆದು ಒರೆಸಿದರೆ ಮುಗಿಯಿತು. ಚರ್ಮವೆಂದು ಮಾರುವುದರಲ್ಲಿ ಪುಡಿ ಅಂಟಿಸಿ ಮಾಡಿದ್ದೂ ಇರುತ್ತದೆ. ಮಡಿಸಿದಾಗ ಮೇಲ್ಪದರ ಬಿರಿದು ಒಳಗೆ ಬಟ್ಟೆ, ಕಾಗದದಂಥ ಪದರ ಕಂಡರೆ ಅದು ಒಂದು ಮಳೆಗಾಲವನ್ನೂ ತಾಳುವುದಿಲ್ಲ.

ಕಬ್ಬಿಣದ ಚೈನ್ ನಮ್ಮ ಊರುಗಳಲ್ಲಿ ಬಹಳ ಬಳಕೆಯಲ್ಲಿದೆ. ನಾಯಿ ಕಚ್ಚಿ ತುಂಡರಿಸುತ್ತದೆ ಎಂಬುದೇ ಅದಕ್ಕೆ ಕಾರಣ. ತರಬೇತಿಗೆ ಚೈನ್ ಬೇಡ. ನಾಲ್ಕು ಮಿ.ಮೀ. ದಪ್ಪದ ಸರಪಳಿ ಒಂದೂವರೆ ಮೀಟರ್ ಉದ್ದವಿದ್ದರೆ ಅರ್ಧ ಕೆ.ಜಿ.ಯಷ್ಟಾಗುತ್ತದೆ. ಜೋಲು ಬಿಟ್ಟರೂ ಕೊರಳಿಗೆ ಭಾರ ತಪ್ಪುವುದಿಲ್ಲ, ಕೈಯಲ್ಲಿ ಮಡಿಸಿ ಹಿಡಿಯಲಾಗುವುದಿಲ್ಲ, ಕಚ್ಚಿದರೆ ಹಲ್ಲಿಗೆ ಪೆಟ್ಟು. ಕಚ್ಚುವ ನಾಯಿಗೆ ಕೊಂಡಿಯ ಬಳಿ ಒಂದಡಿ ಮಾತ್ರ ತೆಳು ಸರಪಳಿ, ಉಳಿದದ್ದು ಪಟ್ಟಿ ಇರುವ ಲೀಶ್ ಹಾಕಿ, ಬಾಯಿಗೊಂದು ಆಟಿಕೆ ಕೊಟ್ಟು ಅಭ್ಯಾಸ ಬಿಡಿಸಿ.

ತಾನಾಗಿಯೇ ಡಬ್ಬಿಯೊಳಗೆ ಸುತ್ತಿಕೊಳ್ಳುವ ಲೀಶನ್ನು ತರಬೇತಿ ಮುಗಿಯುವವರೆಗೆ ಮನೆಗೆ ತರಬೇಡಿ. ಅದರ ಸ್ಪ್ರಿಂಗ್ ಯಾವಾಗಲೂ ಎಳೆಯುತ್ತಲೇ ಇರುತ್ತದೆ. ಜಗ್ಗಿದರೆ ಹಗ್ಗ ಉದ್ದವಾಗುತ್ತದೆ ಎಂದು ನಾಯಿ ಒಂದೇ ದಿನದಲ್ಲಿ ಕಲಿಯುತ್ತದೆ, ಅಂದರೆ ನೀವು ಬಿಡಿಸಬೇಕೆಂದಿದ್ದನ್ನೇ ಅದು ಕಲಿಸುತ್ತದೆ. ತೆಳು ದಾರ ಬೆರಳಿಗೆ ಸುತ್ತಿಕೊಂಡರೆ ಆಳವಾಗಿ ಕೊಯ್ಯುತ್ತದೆ. ಕೈತಪ್ಪಿ ಡಬ್ಬಿ ಬಿದ್ದರೆ ಅದು ಸದ್ದು ಮಾಡುತ್ತ ನಾಯಿಯ ಹಿಂದೆಯೇ ಎಳೆದುಕೊಂಡು ಹೋಗುತ್ತದೆ, ಹೆದರಿದ ನಾಯಿ ಇನ್ನಷ್ಟು ಓಡುತ್ತದೆ. ನಮ್ಮ ರಸ್ತೆಗಳಲ್ಲಿ ಸ್ಕೂಟರ್ ಸವಾರರಿಗೆ ಆ ದಾರ ಕಾಣಿಸುವುದೂ ಇಲ್ಲ. ರಬ್ಬರಿನಂತೆ ಹಿಗ್ಗುವ ಲೀಶೂ ತರಬೇತಿಗೆ ಆಗದು. ಬಿಗಿ ಯಾವುದು, ಸಡಿಲ ಯಾವುದು ಎಂಬುದು ನಾಯಿಗೆ ತಿಳಿಯುವುದಿಲ್ಲ.

ಹಂತ 4: ಹೊಲಿಗೆ ಮತ್ತು ಹಿಡಿ

ಕೊಂಡಿಯ ಬುಡದಲ್ಲಿ ಪಟ್ಟಿ ಮಡಚಿದ ಕಡೆ ಚೌಕಾಕಾರದ ಹೊಲಿಗೆ, ಅದರ ನಡುವೆ ಗುಣಿಸು ಚಿಹ್ನೆಯಂತೆ ಅಡ್ಡಹೊಲಿಗೆ ಇರಬೇಕು. ಒಂದೇ ಸಾಲಿನ ಹೊಲಿಗೆ ಒಂದು ತುದಿಯಲ್ಲಿ ಬಿಚ್ಚಿದರೆ ಪೂರ್ತಿ ಬಿಚ್ಚುತ್ತದೆ. ಬರೀ ರಿವೆಟ್ ಹೊಡೆದ ಚರ್ಮದ ಲೀಶಿಗಿಂತ ಹೊಲಿದದ್ದು ಮೇಲು, ರಿವೆಟ್ ತೂತಿನ ಸುತ್ತ ಚರ್ಮ ಸೀಳುತ್ತದೆ. ಇಷ್ಟವಾದ ಲೀಶಿನ ಹೊಲಿಗೆ ದುರ್ಬಲವೆನಿಸಿದರೆ ಬ್ಯಾಗ್ ರಿಪೇರಿಯವರ ಹತ್ತಿರ ಇನ್ನೊಂದು ಸುತ್ತು ಹಾಕಿಸಿಕೊಳ್ಳಿ.

ಹಿಡಿಯ ಕುಣಿಕೆಯಲ್ಲಿ ನಿಮ್ಮ ಕೈ ಸುಲಭವಾಗಿ ಹೋಗಿ ಬರಬೇಕು. ದಪ್ಪ ಸ್ಪಂಜಿನ ಹಿಡಿ ಕಣ್ಣಿಗೆ ಚೆಂದ, ಒದ್ದೆಯಾದರೆ ಒಣಗುವುದೇ ಇಲ್ಲ.

ಹಂತ 5: ಲೀಶ್ ಎಲ್ಲಿಗೆ ಸಿಕ್ಕಿಸುತ್ತೀರಿ?

ಆರಡಿಯ ಲೀಶಿಗೆ ಅಗಲ ಕಾಲರ್ ಸಾಕು. ಕಾಲರಿನಡಿ ಎರಡು ಬೆರಳು ತೂರಬೇಕು, ಅದಕ್ಕಿಂತ ಸಡಿಲವೂ ಬೇಡ, ಬಿಗಿಯೂ ಬೇಡ. ಬೆಳೆಯುವ ಮರಿಗೆ ವಾರಕ್ಕೊಮ್ಮೆ ಈ ಪರೀಕ್ಷೆ ಮಾಡಲೇಬೇಕು. ಪಗ್, ಶಿಟ್ಜುಗಳಂಥ ಚಪ್ಪಟೆ ಮೂತಿಯ ನಾಯಿಗಳಿಗೆ ಮೊದಲೇ ಉಸಿರಾಟ ಕಷ್ಟ, ಅವಕ್ಕೆ ಎದೆಯ ಮೇಲೆ ವೈ ಆಕಾರದಲ್ಲಿ ಕೂರುವ ಹಾರ್ನೆಸ್ (ಎದೆ, ಬೆನ್ನು ಬಳಸಿ ಕಟ್ಟುವ ಪಟ್ಟಿ) ಹಾಕಿ.

ಬಾಗಲಕೋಟೆ ಜಿಲ್ಲೆಯ ಮುಧೋಳದ ಹೆಸರು ಹೊತ್ತ ಬೇಟೆನಾಯಿಗೆ ಪ್ರತ್ಯೇಕ ಎಚ್ಚರ ಬೇಕು. ಅದರ ತಲೆ ಕಿರಿದು, ಕೊರಳು ನೀಳ. ಹಿಂದಕ್ಕೆ ಸರಿದು ತಲೆ ತಗ್ಗಿಸಿದರೆ ಸಾಮಾನ್ಯ ಕಾಲರ್ ಕಿವಿ ದಾಟಿ ಕಳಚಿ ಬರುತ್ತದೆ. ಎಳೆದಾಗ ಒಂದು ಮಿತಿಯವರೆಗೆ ಮಾತ್ರ ಬಿಗಿಯಾಗುವ ಮಾರ್ಟಿಂಗೇಲ್ ಕಾಲರ್ ಇಂಥ ನಾಯಿಗಳಿಗೆಂದೇ ಇದೆ. ಪೂರ್ತಿ ಬಿಗಿಯಾದಾಗಲೂ ಉಸಿರು ಕಟ್ಟದಂತೆ, ಆದರೆ ಕಿವಿ ದಾಟದಂತೆ ಅಳತೆ ಸರಿಮಾಡಿಕೊಳ್ಳಬೇಕು. ಓಡುವುದನ್ನು ಕಂಡರೆ ಬೆನ್ನಟ್ಟುವುದು ಈ ತಳಿಯ ಹುಟ್ಟುಗುಣ. ಹಾಗಾಗಿ ಅಳಿಲು, ಬೆಕ್ಕು ಕಂಡಾಗಲೇ ಕಾಲರಿನ ಪರೀಕ್ಷೆ.

ಉದ್ದ ಹಗ್ಗವನ್ನು ಮಾತ್ರ ಯಾವ ನಾಯಿಗೂ ಕೊರಳಿಗೆ ಸಿಕ್ಕಿಸಬೇಡಿ. 25 ಕೆ.ಜಿ.ಯ ನಾಯಿ ಸೆಕೆಂಡಿಗೆ 8 ಮೀಟರ್ ವೇಗದಲ್ಲಿ ಓಡುತ್ತಿದೆ ಎಂದುಕೊಳ್ಳಿ. ಹಗ್ಗ ಮುಗಿದು ಅದು ಸೆಕೆಂಡಿನ ಐದನೇ ಒಂದು ಭಾಗದಲ್ಲಿ ನಿಂತರೆ ಬೀಳುವ ಎಳೆತ ಸುಮಾರು 100 ಕೆ.ಜಿ. ತೂಕ ನೇತುಹಾಕಿದಷ್ಟು. ಅದು ಗಂಟಲಿಗೆ ಬೀಳಬಾರದು. ಹಾರ್ನೆಸ್‌ನ ಬೆನ್ನಿನ ಮೇಲಿನ ರಿಂಗಿಗೆ ಸಿಕ್ಕಿಸಿದರೆ ಎದೆಗೂಡು ಆ ಭಾರ ಹಂಚಿಕೊಳ್ಳುತ್ತದೆ.

ಉದ್ದ ಹಗ್ಗ ಮನೆಯಲ್ಲೇ ಮಾಡಿಕೊಳ್ಳಬಹುದು

ಹತ್ತು ಮೀಟರಿನ ಸಿದ್ಧ ಲೀಶ್ ಎಲ್ಲ ಊರಲ್ಲೂ ಸಿಗುವುದಿಲ್ಲ. ದನದ ಹಗ್ಗ, ಕಣ್ಣಿ ಮಾರುವ ಅಂಗಡಿಯಲ್ಲಿ 8ರಿಂದ 10 ಮಿ.ಮೀ. ದಪ್ಪದ ಹೆಣೆದ ಹತ್ತಿಹಗ್ಗ 11 ಮೀಟರ್ ತನ್ನಿ. ಪ್ಲಾಸ್ಟಿಕ್ ಹಗ್ಗ ಬೇಡ, ಕೈ ಕೊಯ್ಯುತ್ತದೆ, ಬಿಸಿಲಿಗೆ ಸಿಬಿರೇಳುತ್ತದೆ. ತೆಂಗಿನ ನಾರಿನದು ಬಲು ಒರಟು. ಹಾರ್ಡ್‌ವೇರ್ ಅಂಗಡಿಯಿಂದ ಬುಡ ಸುತ್ತುವ ಸ್ಟೇನ್‌ಲೆಸ್ ಕೊಂಡಿ ಕೊಂಡು, ಅದರ ಬಳೆಯಲ್ಲಿ ಹಗ್ಗದ ತುದಿ ತೂರಿಸಿ ಜಾರದ ಗಂಟು ಹಾಕಿ, ಉಳಿದ ಅರ್ಧ ಅಡಿ ತುದಿಯನ್ನು ಹಗ್ಗಕ್ಕೇ ಸೇರಿಸಿ ದಪ್ಪ ನೂಲಿನಿಂದ ಬಿಗಿಯಾಗಿ ಸುತ್ತಿ ಹೊಲಿಯಿರಿ. ಇನ್ನೊಂದು ತುದಿಗೆ ಕುಣಿಕೆಯೂ ಬೇಡ, ಗಂಟೂ ಬೇಡ. ಎರಡೂ ಬೇರು, ಕಲ್ಲಿಗೆ ಸಿಕ್ಕಿಕೊಳ್ಳುತ್ತವೆ. ಎಳೆ ಬಿಚ್ಚದಂತೆ ನೂಲು ಸುತ್ತಿದರೆ ಸಾಕು. ಬಳಸುವ ಮೊದಲು ಕೊಂಡಿಯನ್ನು ಕಿಟಕಿಯ ಸರಳಿಗೆ ಸಿಕ್ಕಿಸಿ, ನಿಮ್ಮ ಮೈಭಾರ ಹಾಕಿ ನಾಲ್ಕೈದು ಸಲ ಜಗ್ಗಿ ನೋಡಿ.

ಬಳಸುವಾಗ ಕೈಗವಸು ಹಾಕಿಕೊಳ್ಳಿ. ನೆಲದ ಮೇಲಿನ ಹಗ್ಗದ ಸುರುಳಿಯೊಳಗೆ ಕಾಲಿಡಬೇಡಿ. ಓಡುತ್ತಿರುವ ಹಗ್ಗವನ್ನು ಕೈಯಿಂದ ಹಿಡಿಯುವ ಬದಲು, ಶೂ ಹಾಕಿದ ಕಾಲಿನಿಂದ ಮೆಟ್ಟಿ. ಮಕ್ಕಳಾಡುವ ಪಾರ್ಕಿನಲ್ಲಿ ಈ ಹಗ್ಗವನ್ನು ಬಳಸಲೇಬೇಡಿ, ಖಾಲಿ ಮೈದಾನ ಹುಡುಕಿ.

ಹಂತ 6: ಹಿಡಿಯುವ ರೀತಿ

ಕುಣಿಕೆಯನ್ನು ಬಲಗೈ ಹೆಬ್ಬೆರಳಿಗೆ ಹಾಕಿ, ಮುಷ್ಟಿ ಮುಚ್ಚಿ. ಹೆಚ್ಚಾದ ಪಟ್ಟಿಯನ್ನು ಸೀರೆಯ ನೆರಿಗೆಯಂತೆ ಮಡಿಸಿ ಅದೇ ಮುಷ್ಟಿಯಲ್ಲಿ ಹಿಡಿಯಿರಿ. ಮಣಿಕಟ್ಟಿಗೆ, ಬೆರಳಿಗೆ ಎಂದೂ ಸುತ್ತಿಕೊಳ್ಳಬೇಡಿ. ನಾಯಿ ಹಠಾತ್ತನೆ ಜಗ್ಗಿದರೆ ಬಿಡಿಸಿಕೊಳ್ಳಲಾಗದೆ ಮೂಳೆ ಮುರಿಯುವುದು ಹೀಗೆ. ನಾಯಿ ಎಡಬದಿಯಲ್ಲಿರಲಿ, ಎಡಗೈ ಪಟ್ಟಿಯ ಮೇಲೆ ಹಗುರವಾಗಿರಲಿ. ಲೀಶ್ ಬಿಗಿಯಾದ ಕ್ಷಣ ನಿಂತುಬಿಡಿ. ಹಿಂದಕ್ಕೆ ಎಳೆಯಬೇಡಿ. ನಾಯಿ ತಿರುಗಿ ನೋಡಿ ಜೋಲು ಮೂಡಿದ ಕೂಡಲೇ ನಿಮ್ಮ ತೊಡೆಯ ಪಕ್ಕದಲ್ಲಿ ಒಂದು ತುಣುಕು ತಿಂಡಿ ಕೊಟ್ಟು ಮುಂದೆ ನಡೆಯಿರಿ. ಐದೈದು ನಿಮಿಷದಂತೆ ದಿನಕ್ಕೆ ಮೂರು ಸಲ ಮಾಡಿ. ಮೊದಲ ವಾರ ಮನೆಯಂಗಳ ದಾಟುವುದು ಬೇಡ, ಬೀದಿನಾಯಿಗಳ ಬೊಗಳುವಿಕೆಯ ನಡುವೆ ಹೊಸ ಪಾಠ ತಲೆಗೆ ಹೋಗುವುದಿಲ್ಲ.

ವಾರಕ್ಕೊಮ್ಮೆ ಕೊಂಡಿಯಿಂದ ಹಿಡಿಯವರೆಗೆ ಪಟ್ಟಿಯನ್ನು ಬೆರಳ ನಡುವೆ ಹಾಯಿಸಿ. ಹಲ್ಲಿನ ಗುರುತು ಅಂಚಿನಿಂದ ಒಳಗೆ ಹೋಗಿದ್ದರೆ, ಹೊಲಿಗೆಯ ಒಂದೆಳೆ ಎದ್ದಿದ್ದರೆ, ಕೊಂಡಿಯ ಸ್ಪ್ರಿಂಗ್ ತಡವಾಗಿ ಮುಚ್ಚಿಕೊಳ್ಳುತ್ತಿದ್ದರೆ ಆ ಲೀಶನ್ನು ಮತ್ತೆ ರಸ್ತೆಗೆ ಒಯ್ಯಬೇಡಿ. ಹೊಲಿಗೆಯಾದರೆ ಹೊಲಿಸಬಹುದು. ಕೊಂಡಿಯಾದರೆ ಬದಲಿಸಲೇಬೇಕು.