ಮತ್ತೆ ಡೌನ್‌ಲೋಡ್ ಮಾಡದೆ ಎಂಟು ಮೆಷಿನ್‌ಗಳ ಗೇಮ್ ಬೇರೆ ಡ್ರೈವ್‌ಗೆ ಸಾಗಿಸಿದ್ದು

ಮಣಿಪಾಲದಲ್ಲಿ ಟೈಗರ್ ಸರ್ಕಲ್‌ನಿಂದ ಸ್ವಲ್ಪ ಒಳಗೆ ನನ್ನದೊಂದು ಸಣ್ಣ ಗೇಮಿಂಗ್ ರೂಮ್ ಇದೆ. ಎಂಟು ಮೆಷಿನ್. ಎಲ್ಲದರಲ್ಲೂ 512 ಜಿಬಿಯ ಸಿ ಡ್ರೈವ್ ಕೆಂಪಾಗಿ ಕೂತಿತ್ತು. ಬರುವವರೆಲ್ಲ ಇಂಜಿನಿಯರಿಂಗ್ ಹುಡುಗರು, ಒಂದು ಗೇಮ್ ಇಲ್ಲ ಎಂದರೆ ಮರುದಿನ ಬೇರೆ ಕಡೆ ಹೋಗುತ್ತಾರೆ. ಹಾಗಾಗಿ ಯಾವುದನ್ನೂ ಅಳಿಸುವ ಹಾಗಿಲ್ಲ. ಒಂದೊಂದು ಟಿಬಿಯ ಸಾಟಾ ಎಸ್‌ಎಸ್‌ಡಿ ಹಾಕಿ ಗೇಮ್‌ಗಳನ್ನೆಲ್ಲ ಅಲ್ಲಿಗೆ ಎತ್ತುವುದು ಅಂತ ತೀರ್ಮಾನ ಮಾಡಿದೆ. ಆಗ ಒಂದಕ್ಕೆ ನಾಲ್ಕೂವರೆ ಸಾವಿರದ ಆಸುಪಾಸು ಇತ್ತು, ಒಟ್ಟು 36 ಸಾವಿರ ಅಂತ ಇಟ್ಟುಕೊಳ್ಳಿ.

ಡ್ರೈವ್ ಕೊಟ್ಟ ಅಂಗಡಿಯವರೇ ಮೊದಲು ತಲೆ ಅಲ್ಲಾಡಿಸಿದ್ದು. "ಆಪುಜಿ (ಆಗುವುದಿಲ್ಲ) ಮಾರಾಯ್ರೆ, ಪೂರಾ ತೆಗೆದು ಹೊಸದಾಗಿ ಇನ್‌ಸ್ಟಾಲ್ ಮಾಡಿ" ಅಂದರು. ಉಡುಪಿಯಲ್ಲಿ ಇದೇ ವ್ಯಾಪಾರ ಮಾಡುವ ಗೆಳೆಯನೂ ಅದನ್ನೇ ಹೇಳಿದ, ಫೈಲ್ ಎಲ್ಲಾ ಕೆಡ್ತದೆ, ಅಕೌಂಟ್ ಬ್ಯಾನ್ ಆಗ್ತದೆ, ಹಾಗೆ ಹೀಗೆ ಅಂತ.

ಹೊಸದಾಗಿ ಇಳಿಸುವುದರ ಲೆಕ್ಕ ನೋಡಿ. ಒಂದು ಮೆಷಿನ್‌ನಲ್ಲಿ ಹತ್ತಿರ ಹತ್ತಿರ 350 ಜಿಬಿ ಗೇಮ್. ಎಂಟಕ್ಕೆ 2800. ನನ್ನ ಫೈಬರ್ ಪ್ಲಾನ್ ತಿಂಗಳಿಗೆ 3300 ಜಿಬಿ. ಉಳಿದ 500ರಲ್ಲಿ ತಿಂಗಳು ಪೂರ್ತಿ ಅಪ್‌ಡೇಟ್ ನಡೆಯಬೇಕು, ಅಲ್ವಾ? 100 ಎಂಬಿಪಿಎಸ್ ಲೈನ್ ಅಂದರೆ ಸೆಕೆಂಡಿಗೆ 12 ಎಂಬಿ. ಬೇರೇನೂ ಮಾಡದೆ ಅದೊಂದನ್ನೇ ಇಳಿಸಿದರೂ 65 ಗಂಟೆ ಬೇಕು. ಅಷ್ಟು ಹೊತ್ತು ರೂಮಿನಲ್ಲಿ ಪಿಂಗ್, ಅಂದರೆ ಆನ್‌ಲೈನ್ ಆಟದ ಸಿಗ್ನಲ್ ಹೋಗಿ ಬರುವ ಸಮಯ, ಏನಾಗುತ್ತದೆ ಅಂತ ನಿಮಗೆ ಗೊತ್ತೇ ಇದೆ.

ಅಷ್ಟಕ್ಕೂ ಫೈಲ್‌ಗಳು ಸಿ ಡ್ರೈವ್‌ನಲ್ಲೇ ಇವೆ. ಲಾಂಚರ್‌ಗೆ, ಅಂದರೆ ಸ್ಟೀಮ್, ಎಪಿಕ್‌ನಂತಹ ಗೇಮ್ ಇಳಿಸಿ ಓಡಿಸುವ ಆ್ಯಪ್‌ಗೆ, ಬೇಕಾದದ್ದು ಅವು ಎಲ್ಲಿವೆ ಅನ್ನುವ ದಾರಿ ಮಾತ್ರ. ಆ ದಾರಿಯನ್ನು ಅದು ಎಲ್ಲಿ ಬರೆದಿಟ್ಟಿದೆ ಅಂತ ಹುಡುಕಿ ಬದಲಿಸಿದರೆ ಆಯ್ತು. ಇದೇ ನನ್ನ ವಾದ.

ಮೊದಲು ಕೈಕೊಟ್ಟ ವಿಷಯಗಳನ್ನು ಹೇಳುತ್ತೇನೆ, ದುಡ್ಡು ಹೋದದ್ದು ಅಲ್ಲೇ.

ಎಕ್ಸ್‌ಪ್ಲೋರರ್‌ನಲ್ಲಿ ಎಳೆದು ಹಾಕುವ ಕೆಲಸ ಇಷ್ಟು ದೊಡ್ಡ ಫೋಲ್ಡರ್‌ಗೆ ಆಗಿಬರುವುದಿಲ್ಲ. ರಾತ್ರಿ ಹಚ್ಚಿ ಮನೆಗೆ ಹೋದರೆ, ಯಾವುದೋ ಒಂದು ಫೈಲ್ ಓದಲು ಆಗಲಿಲ್ಲ ಅಂತ "ಟ್ರೈ ಅಗೇನ್" ಕೇಳುತ್ತಾ ಬೆಳಗ್ಗೆವರೆಗೆ ಅಲ್ಲೇ ನಿಂತಿರುತ್ತದೆ. ಅದರ ಮೇಲೆ ಇದು ನಡೆದದ್ದು ಜೂನ್-ಜುಲೈಯಲ್ಲಿ. ನಮ್ಮ ಕಡೆ ಮಳೆ ಹಿಡಿದರೆ ಕರೆಂಟ್ ಯಾವಾಗ ಹೋಗುತ್ತದೆ ಅಂತ ಹೇಳಲು ಬರುವುದಿಲ್ಲ. ಯುಪಿಎಸ್ ಹತ್ತು ನಿಮಿಷ ತಡೆಯುತ್ತದೆ, ಅಷ್ಟೇ. ಸ್ಟೀಮ್‌ನ ಒಳಗೇ ಇರುವ ಮೂವ್ ಬಟನ್ ಒಳ್ಳೆಯದೇ, ಮನೆಯ ಒಂದು ಮೆಷಿನ್‌ಗೆ ಅದೇ ಸಾಕು. ಆದರೆ ಅರ್ಧದಲ್ಲಿ ಕರೆಂಟ್ ಹೋದ ಒಂದು ಸಲ ಗೇಮ್‌ನ ಅರ್ಧ ಆ ಕಡೆ, ಅರ್ಧ ಈ ಕಡೆ ಆಗಿ, ಕೊನೆಗೆ ಹತ್ತಿರ ಹತ್ತಿರ 40 ಜಿಬಿ ಮತ್ತೆ ಇಳಿಸಬೇಕಾಯಿತು.

ಎರಡನೆಯದು ಎಸ್‌ಎಸ್‌ಡಿಯೇ. ಎಂಟರಲ್ಲಿ ಮೂರು ಕಮ್ಮಿ ರೇಟಿನ ಕ್ಯೂಎಲ್‌ಸಿ ಡ್ರೈವ್, ಅಂದರೆ ಒಂದೊಂದು ಸೆಲ್‌ನಲ್ಲಿ ನಾಲ್ಕು ಬಿಟ್ ತುರುಕುವ ಜಾತಿ. ಡಬ್ಬಿಯ ಮೇಲೆ ಸೆಕೆಂಡಿಗೆ 500 ಎಂಬಿ ಅಂತ ಬರೆದಿರುತ್ತದೆ. ಮೊದಲ 50 ಜಿಬಿವರೆಗೆ ಹಾಗೇ ಓಡಿತು. ಆಮೇಲೆ ಕ್ಯಾಶ್ (ಬರೆಯುವಾಗಿನ ವೇಗದ ತಾತ್ಕಾಲಿಕ ಜಾಗ) ತುಂಬಿ 60-70ಕ್ಕೆ ಇಳಿದು ಕೂತಿತು, ಹಳೆ ಹಾರ್ಡ್ ಡಿಸ್ಕ್‌ಗಿಂತ ಕಡೆ. ಒಳ್ಳೆ ಡ್ರೈವ್‌ನಲ್ಲಿ ಅರ್ಧ ಗಂಟೆಯ ಕೆಲಸ ಅದರಲ್ಲಿ ಒಂದೂವರೆ ಗಂಟೆ. ಡ್ರೈವ್ ಕೆಟ್ಟಿಲ್ಲ, ಅದರ ಜಾತಿಯೇ ಹಾಗೆ. ಒಂದು ಸಲ ತುಂಬಿದ ಮೇಲೆ ಗೇಮ್ ಓದುವಾಗ ಏನೂ ತೊಂದರೆ ಇಲ್ಲ, ಹಾಗಾಗಿ ವಾಪಸ್ ಕೊಡಲಿಲ್ಲ. ಸುಮ್ನೆ 300 ರೂಪಾಯಿ ಉಳಿಸಲು ಹೋಗುವವರಿಗೆ ಈ ವಿಷಯ ಗೊತ್ತಿರಲಿ.

ಈಗ ಕೆಲಸ ಕೊಟ್ಟ ವಿಧಾನ. ಕಾಪಿಗೆ ವಿಂಡೋಸ್‌ನಲ್ಲೇ ಇರುವ ರೋಬೋಕಾಪಿ ಕಮಾಂಡ್, ಬೇರೇನೂ ಬೇಡ. ಒಳಗಿನ ಫೋಲ್ಡರ್‌ಗಳೂ ಬರಲು ಸ್ಲ್ಯಾಶ್ ಇ ಹಾಕಿ, ಎಂಟು ಫೈಲ್ ಒಟ್ಟಿಗೆ ಹೋಗಲು ಎಂಟಿ 8 ಹಾಕಿ. ಕರೆಂಟ್ ಹೋದರೆ ಅದೇ ಕಮಾಂಡ್ ಮತ್ತೆ ಒತ್ತಿ, ಆಗಲೇ ಹೋದ ಫೈಲ್ ಬಿಟ್ಟು ಮುಂದಕ್ಕೆ ಹೋಗುತ್ತದೆ. ಓದಲು ಆಗದ ಫೈಲ್ ಸಿಕ್ಕರೆ ಎಷ್ಟು ಸಲ ಪ್ರಯತ್ನ ಮಾಡಬೇಕು, ನಡುವೆ ಎಷ್ಟು ಸೆಕೆಂಡ್ ಕಾಯಬೇಕು ಅನ್ನುವುದನ್ನು ಆರ್ 2, ಡಬ್ಲ್ಯೂ 2 ಅಂತ ಕೊಡಲೇಬೇಕು. ಕೊಡದಿದ್ದರೆ ಅದು ಹತ್ತು ಲಕ್ಷ ಸಲ, ಒಂದೊಂದು ಸಲಕ್ಕೆ 30 ಸೆಕೆಂಡ್ ಕಾಯುತ್ತಾ ಪ್ರಯತ್ನ ಮಾಡುತ್ತದೆ! ಮೂವ್ ಸ್ವಿಚ್ ಮಾತ್ರ ಹಾಕಬೇಡಿ. ಹಳೆಯದು ಹಳೆ ಜಾಗದಲ್ಲೇ ಇರಲಿ, ಹೊಸ ಜಾಗದಲ್ಲಿ ಗೇಮ್ ಒಂದು ಸಲ ಓಡಿದ ಮೇಲೆ ಅಳಿಸಿ.

ಸ್ಟೀಮ್ ಸುಲಭ. ಹೊಸ ಡ್ರೈವ್‌ನಲ್ಲಿ ಲೈಬ್ರರಿ ಮಾಡಿ, ಸ್ಟೀಮನ್ನು ಪೂರ್ತಿ ಬಂದ್ ಮಾಡಿ. ಸ್ಟೀಮ್‌ನ ಕಾಮನ್ ಫೋಲ್ಡರ್ ಒಳಗಿನ ಗೇಮ್ ಫೋಲ್ಡರ್ ಜೊತೆ ಆ ಗೇಮ್‌ನ ವಿವರ ಬರೆದಿರುವ ಆ್ಯಪ್‌ಮ್ಯಾನಿಫೆಸ್ಟ್ ಫೈಲ್ ಕೂಡ ಹೋಗಬೇಕು. ಅದರ ಹೆಸರಿನಲ್ಲಿ ಗೇಮ್‌ನ ನಂಬರ್ ಇರುತ್ತದೆ: ಜಿಟಿಎ 5ಕ್ಕೆ 271590, ಕೌಂಟರ್-ಸ್ಟ್ರೈಕ್‌ಗೆ 730, ಡೋಟಾ 2ಕ್ಕೆ 570. ಆ ಫೈಲನ್ನು ನೋಟ್‌ಪ್ಯಾಡ್‌ನಲ್ಲಿ ತೆರೆದು ನೋಡಿ. ಗೇಮ್ ಇರುವ ಜಾಗ ಅಂತ ಒಳಗೆ ಫೋಲ್ಡರ್ ಹೆಸರು ಮಾತ್ರ ಇರುತ್ತದೆ, ಡ್ರೈವ್ ಅಕ್ಷರ ಇರುವುದಿಲ್ಲ, ಅದಕ್ಕೇ ಯಾವ ಲೈಬ್ರರಿಯಲ್ಲಿ ಇಟ್ಟರೂ ನಡೆಯುತ್ತದೆ. ಸ್ಟೇಟ್‌ಫ್ಲ್ಯಾಗ್ಸ್ ಎದುರು 4 ಇದ್ದರೆ ಪೂರ್ತಿ ಇನ್‌ಸ್ಟಾಲ್ ಆಗಿದೆ ಅಂತ. ಹಳೆ ಜಾಗದ ಮ್ಯಾನಿಫೆಸ್ಟನ್ನು ಬೇರೆ ಕಡೆ ಎತ್ತಿಟ್ಟು ಸ್ಟೀಮ್ ತೆರೆದರೆ ಗೇಮ್ ಹೊಸ ಡ್ರೈವ್‌ನಲ್ಲಿ ಕಾಣಿಸುತ್ತದೆ. ಒಮ್ಮೆ ವೆರಿಫೈ ಮಾಡಿ, ಫೈಲ್ ಎಲ್ಲಾ ಸರಿಯಿದೆಯಾ ಅಂತ ಸ್ಟೀಮೇ ನೋಡುತ್ತದೆ. ನನಗೆ ಒಂದೆರಡು ಮೆಷಿನ್‌ನಲ್ಲಿ ಕೆಲವು ಎಂಬಿ ಇಳಿಯಿತು, ಉಳಿದವುಗಳಲ್ಲಿ ಅದೂ ಇಲ್ಲ.

ತಲೆ ತಿಂದದ್ದು ಎಪಿಕ್. 2020ರ ಮೇ ತಿಂಗಳಲ್ಲಿ ಜಿಟಿಎ 5 ಫ್ರೀ ಕೊಟ್ಟಾಗ ಊರಿಗೆ ಊರೇ ಅದರಲ್ಲಿ ಅಕೌಂಟ್ ಮಾಡಿತ್ತು, ನಮ್ಮ ಅರ್ಧ ಗೇಮ್ ಅಲ್ಲೇ ಇವೆ. ಎಲ್ಲರೂ ಹೇಳುವ ವಿಧಾನ ಅಂದರೆ ಹಳೆ ಫೋಲ್ಡರ್ ಹೆಸರು ಬದಲಿಸಿ, ಹೊಸ ಜಾಗಕ್ಕೆ ಇನ್‌ಸ್ಟಾಲ್ ಶುರು ಮಾಡಿ, ಎರಡು ಪರ್ಸೆಂಟ್‌ಗೆ ನಿಲ್ಲಿಸಿ ಲಾಂಚರ್ ಬಂದ್ ಮಾಡಿ, ಹಳೆ ಫೈಲ್‌ಗಳನ್ನು ಅದರ ಮೇಲೆ ಸುರಿದು ಮತ್ತೆ ರೆಸ್ಯೂಮ್ ಒತ್ತುವುದು. ಆಗುತ್ತದೆ, ಸುಳ್ಳಲ್ಲ. ಆದರೆ ನೂರು ಜಿಬಿ ದಾಟಿದ ಗೇಮ್ ಅನ್ನು ಪೂರ್ತಿ ಓದಿ ಸರಿಯಿದೆಯಾ ಅಂತ ನೋಡುತ್ತಾ ಕೂರುತ್ತದೆ, ಅದೂ ಪ್ರತಿ ಮೆಷಿನ್‌ನಲ್ಲಿ, ಪ್ರತಿ ಗೇಮ್‌ಗೆ.

ನಾನು ಮಾಡಿದ್ದು ಬೇರೆ. ಪ್ರೋಗ್ರಾಂಡೇಟಾ ಒಳಗೆ ಎಪಿಕ್‌ನ ಮ್ಯಾನಿಫೆಸ್ಟ್ಸ್ ಫೋಲ್ಡರ್ ಇದೆ, ಅದರಲ್ಲಿ ಒಂದೊಂದು ಗೇಮ್‌ಗೆ ಒಂದೊಂದು ಐಟಂ ಫೈಲ್. ತೆರೆದರೆ ಇನ್‌ಸ್ಟಾಲ್ ಲೊಕೇಶನ್ ಅಂತ ಪೂರ್ತಿ ದಾರಿ ಬರೆದಿರುತ್ತದೆ. ಅಲ್ಲಿ ಹಿಂದಿನ ಸ್ಲ್ಯಾಶ್ ಎರಡೆರಡು ಇರಬೇಕು, ಒಂದು ಬಿಟ್ಟರೂ ಗೇಮ್ ಲೈಬ್ರರಿಯಿಂದ ಮಾಯ. ಮ್ಯಾನಿಫೆಸ್ಟ್ ಲೊಕೇಶನ್, ಸ್ಟೇಜಿಂಗ್ ಲೊಕೇಶನ್ ಎರಡನ್ನೂ ಬದಲಿಸಿ. ಗೇಮ್ ಫೋಲ್ಡರ್ ಒಳಗೆ ಚುಕ್ಕಿಯಿಂದ ಶುರುವಾಗುವ ಇಜಿಸ್ಟೋರ್ ಫೋಲ್ಡರ್ ಒಂದಿದೆ, ಅದೂ ಜೊತೆಗೆ ಹೋಗಬೇಕು. ಇಷ್ಟು ಮಾಡಿದರೂ ಕೆಲವರಿಗೆ ಆಗುವುದಿಲ್ಲ, ಯಾಕೆಂದರೆ ಲಾಂಚರ್‌ಇನ್‌ಸ್ಟಾಲ್ಡ್ ಅನ್ನುವ ಇನ್ನೊಂದು ಫೈಲ್‌ನಲ್ಲೂ ಅದೇ ದಾರಿ ಇದೆ. ಯಾವುದನ್ನು ಮೊದಲು, ಯಾವುದನ್ನು ಆಮೇಲೆ, ಎಂಟು ಮೆಷಿನ್‌ಗೆ ಒಟ್ಟಿಗೆ ಹೇಗೆ ಅಂತ ನಾನು ಒಂದು ಬ್ಯಾಚ್ ಫೈಲ್ ಬರೆದುಕೊಂಡಿದ್ದೇನೆ. ಅದನ್ನು ಇಲ್ಲಿ ಹಾಕುವುದಿಲ್ಲ. ಮಳೆಗಾಲದಲ್ಲಿ ಗಿರಾಕಿ ಕಮ್ಮಿ ಇರುವಾಗ ಅದರಿಂದಲೇ ನಾಲ್ಕು ಕಾಸು ಬರುತ್ತದೆ.

ಉಳಿದ ಹಳೆ ಗೇಮ್‌ಗಳು, ಲಾಂಚರ್ ಇಲ್ಲದವು, ರಿಜಿಸ್ಟ್ರಿಯಲ್ಲಿ ದಾರಿ ಬರೆದಿಟ್ಟವು, ಇವಕ್ಕೆ ಜಂಕ್ಷನ್, ಅಂದರೆ ಹಳೆ ದಾರಿಯಿಂದ ಹೊಸ ಜಾಗಕ್ಕೆ ತೋರಿಸುವ ಕೊಂಡಿ, ಒಂದೇ ಮದ್ದು. ಕಮಾಂಡ್ ಎಂಕೆಲಿಂಕ್ ಸ್ಲ್ಯಾಶ್ ಜೆ, ಮೊದಲು ಹಳೆ ದಾರಿ, ಆಮೇಲೆ ಹೊಸ ದಾರಿ. ಹಳೆ ಜಾಗದಲ್ಲಿ ಆ ಹೆಸರಿನ ಫೋಲ್ಡರ್ ಇರಬಾರದು. ಎಲ್ಲರೂ ಹೇಳದೆ ಬಿಡುವ ಮಾತು ಒಂದಿದೆ, ಜಂಕ್ಷನ್ ಒಳಗೆ ಡ್ರೈವ್ ಅಕ್ಷರವೂ ಸೇರಿರುತ್ತದೆ. ಒಂದು ಮೆಷಿನ್‌ನಲ್ಲಿ ಹುಡುಗನೊಬ್ಬ ಪೆನ್‌ಡ್ರೈವ್ ಚುಚ್ಚಿಯೇ ಬೂಟ್ ಮಾಡಿದ. ಅದು ಇ ಆಯಿತು, ನನ್ನ ಡ್ರೈವ್ ಎಫ್ ಆಯಿತು, ಒಂದು ಗೇಮೂ ತೆರೆಯಲಿಲ್ಲ. ಆಮೇಲೆ ಎಲ್ಲ ಮೆಷಿನ್‌ಗೂ ಡಿಸ್ಕ್ ಮ್ಯಾನೇಜ್‌ಮೆಂಟ್‌ನಲ್ಲಿ ಆರ್ ಅಂತ ಕೊಟ್ಟೆ, ಅಲ್ಲಿವರೆಗೆ ಯಾವ ಪೆನ್‌ಡ್ರೈವೂ ಬರುವುದಿಲ್ಲ. ಡ್ರೈವ್‌ನ ಫಾರ್ಮ್ಯಾಟ್ ಎನ್‌ಟಿಎಫ್‌ಎಸ್ ಆಗಿದ್ದರೆ ಒಳ್ಳೆಯದು. ಎಕ್ಸ್‌ಫ್ಯಾಟ್‌ನಲ್ಲಿ ಜಂಕ್ಷನ್ ಮಾಡಲು ಬರುವುದಿಲ್ಲ.

ವ್ಯಾಲೊರಂಟ್ ತಂಟೆಗೆ ಹೋಗಲಿಲ್ಲ. ಆ ಗೇಮ್‌ನಲ್ಲಿ ಮೋಸದಾಟ ಹಿಡಿಯುವ ವ್ಯಾನ್‌ಗಾರ್ಡ್ ಪ್ರೋಗ್ರಾಂ ಫೈಲ್ಸ್‌ನಲ್ಲಿ ಕೂತಿರುತ್ತದೆ, ಆ್ಯಂಟಿ-ಚೀಟ್ ಜೊತೆ ಆಟ ಬೇಡ. ನಮ್ಮಲ್ಲಿ ಜಾಸ್ತಿ ಆಡುವುದೂ ಅದನ್ನೇ, ಸಿ ಡ್ರೈವ್‌ನಲ್ಲೇ ಇರಲಿ. ಎಕ್ಸ್‌ಬಾಕ್ಸ್ ಆ್ಯಪ್‌ನ ಗೇಮ್‌ಗಳಿಗೆ ವಿಂಡೋಸ್‌ನದೇ ಮೂವ್ ಬಟನ್ ಒತ್ತಿದೆ. ವಿಂಡೋಸ್‌ಆ್ಯಪ್ಸ್ ಫೋಲ್ಡರ್‌ನ ಪರ್ಮಿಶನ್ ಜೊತೆ ಜಗಳ ಮಾಡುವಷ್ಟು ತಾಳ್ಮೆ ನನಗಿಲ್ಲ.

ಮಧ್ಯದಲ್ಲಿ ಇನ್ನೊಂದು ಹುಚ್ಚು ಹಿಡಿಯಿತು. ಎಂಟು ಕಡೆ ಯಾಕೆ, ಒಂದೇ ಮೆಷಿನ್‌ನಲ್ಲಿ ಇಟ್ಟು ನೆಟ್‌ವರ್ಕ್ ಮೇಲೆ ಓಡಿಸಿದರೆ? ಜಂಕ್ಷನ್ ನೆಟ್‌ವರ್ಕ್‌ಗೆ ಹೋಗುವುದಿಲ್ಲ, ಎಂಕೆಲಿಂಕ್‌ಗೇ ಸ್ಲ್ಯಾಶ್ ಡಿ ಹಾಕಿ ಸಿಂಬಾಲಿಕ್ ಲಿಂಕ್ ಅನ್ನುವ ಇನ್ನೊಂದು ಬಗೆಯ ಕೊಂಡಿ ಮಾಡಬೇಕು. ಮೆಷಿನ್‌ಗಳನ್ನು ಜೋಡಿಸುವ ನಮ್ಮ ಹಳೆ ನೆಟ್‌ವರ್ಕ್ ಸ್ವಿಚ್ 100 ಎಂಬಿಪಿಎಸ್‌ನದು, ಗೇಮ್ ಲೋಡ್ ಆಗುವಷ್ಟರಲ್ಲಿ ಹೊರಗೆ ಹೋಗಿ ಗೋಳಿಬಜೆ ತಿಂದು ಬರಬಹುದಿತ್ತು. ಗಿಗಾಬಿಟ್ ಸ್ವಿಚ್‌ಗೆ ಸಾವಿರದ ಚಿಲ್ಲರೆ ಕೊಟ್ಟೆ, ಸೆಕೆಂಡಿಗೆ 110 ಎಂಬಿ ಸಿಕ್ಕಿತು. ಒಬ್ಬ ಆಡಿದರೆ ಸರಿ, ನಾಲ್ವರು ಕೂತರೆ ಮತ್ತೆ ಅದೇ ಕಥೆ. ಆದರೆ ಆ ಸ್ವಿಚ್‌ನ ದುಡ್ಡು ವ್ಯರ್ಥ ಆಗಲಿಲ್ಲ. 2023ರಿಂದ ಸ್ಟೀಮ್‌ನಲ್ಲಿ ಲೋಕಲ್ ನೆಟ್‌ವರ್ಕ್ ಟ್ರಾನ್ಸ್‌ಫರ್ ಇದೆ. ಈಗ ಅಪ್‌ಡೇಟ್ ಬಂದರೆ ಒಂದೇ ಮೆಷಿನ್ ಹೊರಗಿನಿಂದ ಇಳಿಸುತ್ತದೆ, ಉಳಿದ ಏಳು ಅದರಿಂದ ಎಳೆದುಕೊಳ್ಳುತ್ತವೆ.

ಫೈಲ್ ಕುಗ್ಗಿಸುವ ವಿಂಡೋಸ್‌ನ ಕಾಂಪ್ಯಾಕ್ಟ್ ಕಮಾಂಡ್ ಕೂಡ ನೋಡಿದೆ, ಎಲ್‌ಝೆಡ್‌ಎಕ್ಸ್ ಅನ್ನುವ ಜಾಸ್ತಿ ಕುಗ್ಗಿಸುವ ವಿಧಾನ ಹಾಕಿ. ಕೆಲವು ಹಳೆ ಗೇಮ್ ಮೂರನೇ ಒಂದು ಭಾಗ ಕುಗ್ಗಿದವು, ಓಡುವಾಗ ವ್ಯತ್ಯಾಸ ಗೊತ್ತಾಗಲಿಲ್ಲ. ದೊಡ್ಡ ಹೊಸ ಗೇಮ್‌ಗಳು ಐದು ಪರ್ಸೆಂಟೂ ಇಳಿಯಲಿಲ್ಲ, ಅವುಗಳ ಫೈಲ್ ಮೊದಲೇ ಕುಗ್ಗಿಸಿಯೇ ಇರುತ್ತವೆ. ಅಪ್‌ಡೇಟ್ ಬಂದಾಗ ಬದಲಾದ ಫೈಲ್‌ಗಳು ಮತ್ತೆ ಮೊದಲಿನ ಸೈಜಿಗೆ ಬರುತ್ತವೆ. ಹಾಗಾಗಿ ಅಪ್‌ಡೇಟ್ ನಿಂತುಹೋದ ಗೇಮ್‌ಗಳಿಗೆ ಮಾತ್ರ ಇಟ್ಟುಕೊಂಡಿದ್ದೇನೆ, ಒಂದು ಮೆಷಿನ್‌ಗೆ 30 ಜಿಬಿ ಉಳಿದಿರಬಹುದು.