ಹೊಸ ಬ್ಲೂಸ್, ಕಂಟ್ರಿ ಆಲ್ಬಮ್‌ಗಳನ್ನು ನಾನು ಹುಡುಕುವ ಬಗೆ

ಒಂದು ಆಲ್ಬಮ್ ಹಿಡಿಸಿತು ಅಂದ್ರೆ ಅದರಲ್ಲಿ ಯಾರ್ಯಾರು ನುಡಿಸಿದ್ದಾರೆ, ಎಲ್ಲಿ ರೆಕಾರ್ಡ್ ಆಯಿತು, ಯಾವ ಕಂಪನಿ ಹೊರತಂದಿತು ಅಂತ ಹುಡುಕಿ ಬರೆದಿಟ್ಟುಕೊಳ್ಳುತ್ತೇನೆ. ಅಮೆರಿಕದ ಬ್ಲೂಸ್, ಕಂಟ್ರಿ, ಇವೆರಡರ ಜೊತೆ ಜಾನಪದವೂ ಬೆರೆತ ಅಮೆರಿಕಾನಾ ಸಂಗೀತದಲ್ಲಿ ನನಗೆ ಸಿಕ್ಕ ಒಳ್ಳೆಯ ಆಲ್ಬಮ್‌ಗಳೆಲ್ಲ ಹೆಚ್ಚುಕಮ್ಮಿ ಹೀಗೇ ಸಿಕ್ಕಿದ್ದು. ಆ್ಯಪ್ ಕೊಡುವ ಸಲಹೆಗಳನ್ನು ನಾನೂ ನೋಡುತ್ತೇನೆ. ಆದರೆ ಅವು ಈಗಾಗಲೇ ಕೇಳಿದ್ದರ ಸುತ್ತಲೇ ಗಿರಕಿ ಹೊಡೆಯುತ್ತವೆ. ಜಾನಿ ಕ್ಯಾಶ್ ಕೇಳಿದರೆ ಇನ್ನಷ್ಟು ಜಾನಿ ಕ್ಯಾಶ್, ಬಿ.ಬಿ. ಕಿಂಗ್ ಕೇಳಿದರೆ ಇನ್ನಷ್ಟು ಬಿ.ಬಿ. ಕಿಂಗ್. ದೊಡ್ಡ ಕಲಾವಿದರೇ, ಬೇಡ ಅನ್ನುತ್ತಿಲ್ಲ. ಹೊಸಬರು ಬೇಕಾದರೆ ಮಾತ್ರ ಬೇರೆ ದಾರಿ ಹಿಡಿಯಬೇಕು.

ಆ ದಾರಿ ಹೇಗಿರುತ್ತದೆ ಅಂತ ಒಂದು ಉದಾಹರಣೆಯನ್ನು ಪೂರ್ತಿ ಹೇಳುತ್ತೇನೆ. 2021ರಲ್ಲಿ ದಿ ಬ್ಲ್ಯಾಕ್ ಕೀಸ್ ಅನ್ನುವ ಜೋಡಿ ‘ಡೆಲ್ಟಾ ಕ್ರೀಮ್’ ಅಂತ ಒಂದು ಆಲ್ಬಮ್ ತಂದಿತು. ಅದರಲ್ಲಿ ಇರುವುದೆಲ್ಲ ಉತ್ತರ ಮಿಸಿಸಿಪಿಯ ಗುಡ್ಡಗಾಡಿನ ಬ್ಲೂಸ್, ಹಿಲ್ ಕಂಟ್ರಿ ಬ್ಲೂಸ್ ಅನ್ನುತ್ತಾರೆ. ಹೆಚ್ಚು ತಯಾರಿ ಇಲ್ಲದೆ ಎರಡು ಮಧ್ಯಾಹ್ನಗಳಲ್ಲಿ ನುಡಿಸಿ ಮುಗಿಸಿದ್ದು. ಕೇಳುವಾಗ ನನ್ನ ಕಿವಿ ಹಾಡುವವನನ್ನು ಬಿಟ್ಟು ಹಿಂದಿನ ಇನ್ನೊಂದು ಗಿಟಾರಿನ ಕಡೆಗೇ ಹೋಗುತ್ತಿತ್ತು. ತಂತಿಯ ಮೇಲೆ ಜಾರಿಸಿ ನುಡಿಸುವ ಗಿಟಾರ್. ಎಲ್ಲೂ ಅವಸರ ಇಲ್ಲ, ಸುಮ್ನೆ ಮಾತಾಡುವ ಹಾಗೆ ಬಂದು ಹೋಗುತ್ತದೆ. ಯಾರು ಅಂತ ನೋಡಿದರೆ ಕೆನ್ನಿ ಬ್ರೌನ್. ಬೇಸ್ ಗಿಟಾರ್ ಎರಿಕ್ ಡೀಟನ್‌ರದು. ಬ್ರೌನ್ ವರ್ಷಗಟ್ಟಲೆ ಆರ್.ಎಲ್. ಬರ್ನ್‌ಸೈಡ್ ಪಕ್ಕದಲ್ಲಿ ಕೂತು ನುಡಿಸಿದವರು. ಡೀಟನ್ ಜೂನಿಯರ್ ಕಿಂಬ್ರೋ ಜೊತೆ ನುಡಿಸಿದವರು. ಆಲ್ಬಮ್‌ನಲ್ಲಿ ಜಾಸ್ತಿ ಇರುವುದೂ ಬರ್ನ್‌ಸೈಡ್, ಕಿಂಬ್ರೋ ಅನ್ನುವ ಈ ಇಬ್ಬರು ಹಿರಿಯರ ಹಾಡುಗಳೇ.

ಹಾಗೆ ನಾನು ಕಿಂಬ್ರೋ ಹತ್ತಿರ ಹೋದೆ. ಅವರು 1998ರಲ್ಲಿ ತೀರಿಕೊಂಡರು. ಮೊದಲ ಪೂರ್ಣ ಆಲ್ಬಮ್ ಬಂದಿದ್ದು 1992ರಲ್ಲಿ, ಅರವತ್ತು ದಾಟಿದ ಮೇಲೆ. ಮಿಸಿಸಿಪಿಯ ಆಕ್ಸ್‌ಫರ್ಡ್ ಊರಿನ ಫ್ಯಾಟ್ ಪಾಸಮ್ ಅನ್ನುವ ಸಣ್ಣ ಕಂಪನಿ ಅದನ್ನು ಹೊರತಂದಿತು. ಶಿಕಾಗೋ ಬ್ಲೂಸ್‌ನಲ್ಲಿ ಸ್ವರಗುಚ್ಛ (ಕಾರ್ಡ್) ಹನ್ನೆರಡು ಬಾರ್‌ಗಳ, ಅಂದ್ರೆ ಹನ್ನೆರಡು ತಾಳದ ಆವರ್ತಗಳ ಲೆಕ್ಕದಲ್ಲಿ ಬದಲಾಗುತ್ತಾ ಹೋಗುತ್ತದೆ. ಕಿಂಬ್ರೋ ಹಾಗೆ ಮಾಡುವುದಿಲ್ಲ. ಒಂದೇ ಕಡೆ ನಿಂತು, ಒಂದೇ ಮಂದ್ರವನ್ನು ಹೆಬ್ಬೆರಳಿನಲ್ಲಿ ಮೀಟುತ್ತಾ, ಅದರ ಮೇಲೆ ಹಾಡುತ್ತಾರೆ. ಏಕತಾರಿ ಹಿಡಿದು ತತ್ವಪದ ಹಾಡುವವರನ್ನು ಕೇಳಿ ಬೆಳೆದ ಕಿವಿಗೆ ಇದು ಬೇಗ ಒಗ್ಗುತ್ತದೆ. ಮೊದಲ ಸಲ ಕೇಳಿದಾಗ ಬ್ಲೂಸ್ ಅಂದ್ರೆ ಬರೀ ಗಿಟಾರ್ ಸೋಲೋ ಅಂದುಕೊಂಡವರಿಗೆ ನಾನು ಕೊಡುವುದು ಇದನ್ನೇ.

ಅಲ್ಲಿಗೆ ಹಳೆಯದಕ್ಕೆ ಹೋದಂತಾಯಿತು. ಹೊಸದು ಎಲ್ಲಿ? ಬರ್ನ್‌ಸೈಡ್ ಮನೆಯಲ್ಲೇ ಇತ್ತು. ಅವರ ಮೊಮ್ಮಗ ಸೆಡ್ರಿಕ್ ಬರ್ನ್‌ಸೈಡ್ ಹದಿಹರೆಯದಲ್ಲೇ ತಾತನ ಜೊತೆ ಊರೂರು ತಿರುಗಿ ಡ್ರಮ್ಸ್ ಬಾರಿಸಿದವರು. ಆಮೇಲೆ ಗಿಟಾರ್ ಕೈಗೆತ್ತಿಕೊಂಡರು. 2021ರಲ್ಲಿ ‘ಐ ಬಿ ಟ್ರೈಯಿಂಗ್’ ಆಲ್ಬಮ್ ಬಂತು, ಮರುವರ್ಷ ಸಾಂಪ್ರದಾಯಿಕ ಬ್ಲೂಸ್ ವಿಭಾಗದ ಗ್ರ್ಯಾಮಿಯೂ ಬಂತು. ಮೆಂಫಿಸ್‌ನ ರಾಯಲ್ ಸ್ಟುಡಿಯೋಸ್‌ನಲ್ಲಿ ರೆಕಾರ್ಡ್ ಆದದ್ದು. ಗಮನ ಕೊಟ್ಟು ಕೇಳಿ, ಗಿಟಾರಿನಲ್ಲೂ ಡ್ರಮ್ಸ್ ನುಡಿಸಿದವನ ಕೈ ಕಾಣುತ್ತದೆ. ಪೆಟ್ಟು ಎಲ್ಲಿ ಬೀಳಬೇಕು, ಎಲ್ಲಿ ಬೀಳಬಾರದು ಅನ್ನುವುದು ಅಷ್ಟು ಖಚಿತ. ಹಾಡುಗಳು ಚಿಕ್ಕವು, ಮಾತು ಕಡಿಮೆ. ‘ಡೆಲ್ಟಾ ಕ್ರೀಮ್’ ಚೆನ್ನಾಗಿದೆ. ಆದರೆ ನನ್ನ ಮಟ್ಟಿಗೆ ಅದು ಬಾಗಿಲು, ಸೆಡ್ರಿಕ್ ಆಲ್ಬಮ್ಮೇ ಮನೆ.

ಈ ಮಾಹಿತಿ ಎಲ್ಲಿ ಸಿಗುತ್ತದೆ ಅಂತ ಕೇಳುವವರು ಇದ್ದಾರೆ. ಸ್ಟ್ರೀಮಿಂಗ್ ಆ್ಯಪ್‌ಗಳಲ್ಲಿ ಹಾಡಿನ ಪಕ್ಕದ ಮೂರು ಚುಕ್ಕಿ ಒತ್ತಿದರೆ ಬರೆದವರು, ಪ್ರೊಡ್ಯೂಸರ್ (ರೆಕಾರ್ಡಿಂಗ್ ನಡೆಸಿಕೊಡುವವರು) ಹೆಸರು ಸಿಗಬಹುದು. ನುಡಿಸಿದವರ ಪಟ್ಟಿ ಬೇಕಾದರೆ ಡಿಸ್ಕಾಗ್ಸ್ ಅನ್ನುವ ವೆಬ್‌ಸೈಟ್ ಒಳ್ಳೆಯದು. ಸಿಡಿ, ಎಲ್‌ಪಿಗಳ ಹಿಂಬದಿ ಫೋಟೋ ಕೂಡ ಅಲ್ಲಿ ಹಾಕಿರುತ್ತಾರೆ, ಅದನ್ನು ದೊಡ್ಡದು ಮಾಡಿ ಓದುತ್ತೇನೆ. ಎಷ್ಟೋ ಸಲ ಹಾಡಿನಷ್ಟೇ ಖುಷಿ ಆ ಸಣ್ಣ ಅಕ್ಷರಗಳಲ್ಲಿ ಸಿಕ್ಕಿದೆ.

ಪ್ರೊಡ್ಯೂಸರ್ ಹೆಸರು ಹಿಡಿದರೂ ದಾರಿ ತೆರೆಯುತ್ತದೆ. ಕಂಟ್ರಿಯಲ್ಲಿ ನನಗೆ ಹೀಗೆ ಸಿಕ್ಕ ಹೆಸರು ಡೇವ್ ಕಾಬ್. ಜೇಸನ್ ಇಸ್ಬೆಲ್ ಅವರ ‘ಸೌತ್‌ಈಸ್ಟರ್ನ್’ (2013), ಸ್ಟರ್ಜಿಲ್ ಸಿಂಪ್ಸನ್ ಅವರ ‘ಮೆಟಾಮಾಡರ್ನ್ ಸೌಂಡ್ಸ್ ಇನ್ ಕಂಟ್ರಿ ಮ್ಯೂಸಿಕ್’ (2014), ಕ್ರಿಸ್ ಸ್ಟೇಪಲ್ಟನ್ ಅವರ ‘ಟ್ರಾವೆಲರ್’ (2015), ಮೂರರಲ್ಲೂ ಅವರದೇ ಕೈ. ಮೂರನ್ನೂ ಸಾಲಾಗಿ ಕೇಳಿ. ದನಿ ನಿಮ್ಮ ಎದುರಿಗೇ ಕೂತು ಹಾಡಿದಂತೆ ಇರುತ್ತದೆ, ವಾದ್ಯಗಳು ಅದರ ಮೇಲೆ ಬೀಳುವುದಿಲ್ಲ. ಆ ಕಾಲದ ನ್ಯಾಶ್‌ವಿಲ್‌ ರೇಡಿಯೋ ಹಾಡುಗಳ ಅಬ್ಬರದ ಪಕ್ಕದಲ್ಲಿ ಇದು ಎಷ್ಟು ಬೇರೆ ಅಂತ ತಕ್ಷಣ ಗೊತ್ತಾಗುತ್ತದೆ. ಮುಂದೆ ಸಿಂಪ್ಸನ್ ತಾವೇ ಡೇವಿಡ್ ಫರ್ಗ್ಯುಸನ್ ಜೊತೆ ಸೇರಿ ಇನ್ನೊಬ್ಬ ಕೆಂಟಕಿ ಹುಡುಗನ ಆಲ್ಬಮ್ ಮಾಡಿಕೊಟ್ಟರು. ಅದು ಟೈಲರ್ ಚಿಲ್ಡರ್ಸ್ ಅವರ ‘ಪರ್ಗೆಟರಿ’, 2017. ಕಲ್ಲಿದ್ದಲು ಗಣಿಗಳ ಸೀಮೆಯ ಬದುಕು, ಅಲ್ಲಿನ ಪಿಟೀಲು, ಅಲ್ಲಿನ ಮಾತಿನ ಧಾಟಿ, ಎಲ್ಲ ಅದರಲ್ಲಿ ಇದೆ. ಇವತ್ತಿಗೂ ಕಂಟ್ರಿ ಅಂದ್ರೆ ಬರೀ ಟ್ರಕ್, ಬಿಯರ್ ಅನ್ನುವ ಗೆಳೆಯರಿಗೆ ನಾನು ಮೊದಲು ಕೇಳಿಸುವ ಆಲ್ಬಮ್ ಇದು.

ಕಂಪನಿಗಳ ವಿಷಯಕ್ಕೆ ಬಂದರೆ, ದೊಡ್ಡವರಿಗಿಂತ ಸಣ್ಣವರನ್ನೇ ನಂಬುತ್ತೇನೆ. ಅವರು ವರ್ಷಕ್ಕೆ ತರುವುದೇ ಕೆಲವು ಆಲ್ಬಮ್, ಆರಿಸುವವರ ರುಚಿ ಅದರಲ್ಲಿ ಎದ್ದು ಕಾಣುತ್ತದೆ. ಶಿಕಾಗೋದ ಆಲಿಗೇಟರ್ 1971ರಿಂದ ಬ್ಲೂಸ್ ತರುತ್ತಿದೆ. ಕ್ರಿಸ್ಟೋನ್ ‘ಕಿಂಗ್‌ಫಿಶ್’ ಇನ್‌ಗ್ರಮ್ ನನಗೆ ಸಿಕ್ಕಿದ್ದು ಅಲ್ಲೇ. ಮಿಸಿಸಿಪಿಯ ಕ್ಲಾರ್ಕ್ಸ್‌ಡೇಲ್‌ನಲ್ಲಿ 1999ರಲ್ಲಿ ಹುಟ್ಟಿದ ಹುಡುಗ. ಅವರ ಎರಡನೇ ಆಲ್ಬಮ್ ‘662’ ಅಂದ್ರೆ ಆ ಭಾಗದ ಫೋನ್ ಏರಿಯಾ ಕೋಡ್. ಬ್ಲೂಸ್ ಮುದುಕರ ಸಂಗೀತ ಅನ್ನುವವರು ಇದನ್ನು ಒಂದು ಸಲ ಕೇಳಬೇಕು.

‘ಡೆಲ್ಟಾ ಕ್ರೀಮ್’ ಮಾಡಿದ ಬ್ಲ್ಯಾಕ್ ಕೀಸ್ ಜೋಡಿಯಲ್ಲಿ ಒಬ್ಬರಾದ ಡ್ಯಾನ್ ಆವರ್‌ಬಾಕ್ ಅವರದೇ ಒಂದು ಕಂಪನಿ ನ್ಯಾಶ್‌ವಿಲ್‌ನಲ್ಲಿದೆ, ಈಸಿ ಐ ಸೌಂಡ್. 2019ರಲ್ಲಿ ಅದು ಜಿಮ್ಮಿ ‘ಡಕ್’ ಹೋಮ್ಸ್ ಅವರ ‘ಸೈಪ್ರೆಸ್ ಗ್ರೋವ್’ ತಂದಿತು. ಹೋಮ್ಸ್ ಮಿಸಿಸಿಪಿಯ ಬೆಂಟೋನಿಯಾ ಅನ್ನುವ ಪುಟ್ಟ ಊರಿನವರು. ಅಪ್ಪ ಅಮ್ಮ 1948ರಲ್ಲಿ ಶುರು ಮಾಡಿದ ಬ್ಲೂ ಫ್ರಂಟ್ ಕೆಫೆಯನ್ನು ನಡೆಸಿಕೊಂಡು ಬಂದವರು. ಅವರ ಗಿಟಾರಿನ ಶ್ರುತಿಯೇ ಬೇರೆ. ತೆರೆದ ತಂತಿಗಳನ್ನು ಸುಮ್ಮನೆ ಮೀಟಿದರೂ ಮೈನರ್ ಸ್ವರಗುಚ್ಛ ಕೇಳುವ ಹಾಗೆ ಕೂಡಿಸುತ್ತಾರೆ. ಹಾಡು ಶುರುವಾಗುವ ಮುಂಚೆಯೇ ಒಂದು ಕತ್ತಲು ಇಳಿದುಬಿಡುತ್ತದೆ. ಹಿಂದೆ ಅದೇ ಊರಿನ ಸ್ಕಿಪ್ ಜೇಮ್ಸ್ ಹೀಗೇ ನುಡಿಸುತ್ತಿದ್ದರು. ಈ ಬಗೆಯನ್ನು ಬಲ್ಲವರು ಇನ್ನು ಕೆಲವೇ ಜನ. ಅದಕ್ಕೇ ಈ ಆಲ್ಬಮ್ ಬಗ್ಗೆ ಸಿಕ್ಕಿದವರಿಗೆಲ್ಲ ಹೇಳುತ್ತೇನೆ.

ನನಗೆ ಎಲ್ಲಕ್ಕಿಂತ ಪ್ರೀತಿಯ ದಾರಿ ರಿಯಾನನ್ ಗಿಡೆನ್ಸ್ ಅವರದು. ಉತ್ತರ ಕ್ಯಾರೊಲೈನಾದ ಕಪ್ಪು ಹೆಣ್ಣುಮಗಳು. ಬ್ಯಾಂಜೋ ಬಿಳಿಯರ ವಾದ್ಯ ಅಂತ ಲೋಕ ನಂಬಿದ್ದಾಗ, ಅದು ಆಫ್ರಿಕಾದಿಂದ ಗುಲಾಮರಾಗಿ ಬಂದವರ ವಾದ್ಯ ಅಂತ ನುಡಿಸಿ ತೋರಿಸಿದವರಲ್ಲಿ ಅವರೂ ಒಬ್ಬರು. ಗೆಳೆಯರ ಜೊತೆ ಮೆಬೇನ್ ಊರಿನ ಜೋ ಥಾಂಪ್ಸನ್ ಅನ್ನುವ ವೃದ್ಧ ಪಿಟೀಲುಗಾರರ ಮನೆಗೆ ಹೋಗಿ, ಎದುರಿಗೆ ಕೂತು ಕಲಿತರು. ಗುರುವಿನ ಮನೆಗೆ ಹೋಗಿ ಪಾಠ ಹೇಳಿಸಿಕೊಳ್ಳುವುದು ನಮಗೆ ಹೊಸದಲ್ಲ, ಅಲ್ವಾ? ಥಾಂಪ್ಸನ್ 2012ರಲ್ಲಿ ತೀರಿಕೊಂಡರು. 2025ರಲ್ಲಿ ಗಿಡೆನ್ಸ್ ತಮ್ಮ ಹಳೆಯ ಜೊತೆಗಾರ ಜಸ್ಟಿನ್ ರಾಬಿನ್ಸನ್ ಜೊತೆ ಮತ್ತೆ ಕೂತು ‘ವಾಟ್ ಡಿಡ್ ದ ಬ್ಲ್ಯಾಕ್‌ಬರ್ಡ್ ಸೇ ಟು ದ ಕ್ರೋ’ ಆಲ್ಬಮ್ ಮಾಡಿದರು. ಸ್ಟುಡಿಯೋ ಇಲ್ಲ. ಉತ್ತರ ಕ್ಯಾರೊಲೈನಾದಲ್ಲೇ, ಥಾಂಪ್ಸನ್ ಮನೆಯಂಥ ಜಾಗಗಳಲ್ಲಿ ಬಯಲಲ್ಲಿ ಕೂತು ನುಡಿಸಿದ್ದು. ಒಂದು ಬ್ಯಾಂಜೋ, ಒಂದು ಪಿಟೀಲು. ಹಿಂದೆ ಹಕ್ಕಿಗಳು, ಜೀರುಂಡೆಗಳ ಸದ್ದು. ಹೆಡ್‌ಫೋನ್ ಹಾಕಿಕೊಂಡು ಕೇಳಿ. ಜೀರುಂಡೆ ಸದ್ದು ಒಂದು ಹಾಡಿನಿಂದ ಇನ್ನೊಂದಕ್ಕೆ ಬೇರೆಯಾಗುವುದು ಕೂಡ ಕೇಳಿಸುತ್ತದೆ.

ಇದೇ ಗಿಡೆನ್ಸ್ 2019ರಲ್ಲಿ ಇನ್ನೂ ಮೂವರು ಕಪ್ಪು ಹೆಣ್ಣುಮಕ್ಕಳ ಜೊತೆ ‘ಸಾಂಗ್ಸ್ ಆಫ್ ಅವರ್ ನೇಟಿವ್ ಡಾಟರ್ಸ್’ ಮಾಡಿದ್ದರು. ನಾಲ್ವರೂ ಬ್ಯಾಂಜೋ ನುಡಿಸುವವರು. ಉಳಿದ ಮೂವರ ಹೆಸರು ಅಮಿಥಿಸ್ಟ್ ಕಾಯಾ, ಲೇಲಾ ಮಕಾಲಾ, ಆಲಿಸನ್ ರಸೆಲ್. ನಾನು ಒಬ್ಬೊಬ್ಬರನ್ನೇ ಕಾದು ನೋಡಿದೆ. 2021ರಲ್ಲಿ ರಸೆಲ್ ಅವರ ‘ಔಟ್‌ಸೈಡ್ ಚೈಲ್ಡ್’ ಬಂತು. ಬಾಲ್ಯದಲ್ಲಿ ಮನೆಯೊಳಗೇ ಅನುಭವಿಸಿದ ಹಿಂಸೆ, ಅಲ್ಲಿಂದ ತಪ್ಪಿಸಿಕೊಂಡು ಮಾಂಟ್ರಿಯಲ್ ಬೀದಿಗಳಲ್ಲಿ ಕಳೆದ ದಿನಗಳು. ಇಷ್ಟು ನೋವಿನ ವಿಷಯವನ್ನು ಇಷ್ಟು ಬೆಳಕಿನ ದನಿಯಲ್ಲಿ ಹಾಡಿದ್ದನ್ನು ನಾನು ಬೇರೆ ಕಡೆ ಕೇಳಿಲ್ಲ. ಅದೇ ವರ್ಷ ಕಾಯಾ ಅವರ ‘ವೇರಿ + ಸ್ಟ್ರೇಂಜ್’ ಕೂಡ ಬಂತು. ಒಂದು ಆಲ್ಬಮ್‌ನ ನಾಲ್ಕು ಹೆಸರುಗಳಿಂದ ವರ್ಷಗಟ್ಟಲೆ ಕೇಳುವಷ್ಟು ಸಿಕ್ಕಿತು.

ನಮ್ಮ ಕಡೆಯಿಂದಲೂ ಒಂದು ದಾರಿ ಇದೆ. ವಿಶ್ವಮೋಹನ ಭಟ್ಟರು ಅಮೆರಿಕದ ಗಿಟಾರ್ ವಾದಕ ರೈ ಕೂಡರ್ ಜೊತೆ ನುಡಿಸಿದ ‘ಎ ಮೀಟಿಂಗ್ ಬೈ ದ ರಿವರ್’ (1993) ತುಂಬ ಜನಕ್ಕೆ ಗೊತ್ತು, ಗ್ರ್ಯಾಮಿ ಬಂದ ಆಲ್ಬಮ್. ಅಷ್ಟಾಗಿ ಗೊತ್ತಿಲ್ಲದ್ದು 1995ರ ‘ಮುಮ್ತಾಜ್ ಮಹಲ್’. ಅದರಲ್ಲಿ ಬ್ಲೂಸ್ ಹಾಡುಗಾರ ತಾಜ್ ಮಹಲ್ ಜೊತೆ ಭಟ್ಟರ ಮೋಹನ ವೀಣೆ, ಎನ್. ರವಿಕಿರಣ್ ಅವರ ಚಿತ್ರವೀಣೆ ಎರಡೂ ಇವೆ. ಚಿತ್ರವೀಣೆ ಅಂದ್ರೆ ನಮ್ಮ ಹಿರಿಯರು ಗೋಟುವಾದ್ಯ ಅನ್ನುತ್ತಿದ್ದ ವಾದ್ಯ. ಬ್ಲೂಸ್ ಗಿಟಾರಿನ ಜಾರು, ನಮ್ಮ ಗಮಕ, ಎರಡೂ ಒಂದೇ ಹಾಡಿನಲ್ಲಿ ಎದುರುಬದುರು ಬರುತ್ತವೆ. ಕರ್ನಾಟಕ ಸಂಗೀತ ಕೇಳುವ ಮನೆಯವರಿಗೆ ಬ್ಲೂಸ್ ಪರಿಚಯ ಮಾಡಿಸಲು ನನಗೆ ಇದಕ್ಕಿಂತ ಒಳ್ಳೆಯದು ಗೊತ್ತಿಲ್ಲ. ಅಲ್ಲಿಂದ ಹೊಸದಕ್ಕೆ ಬರುವುದೂ ಸುಲಭ. ತಾಜ್ ಮಹಲ್, ರೈ ಕೂಡರ್ ಇಬ್ಬರೂ 1965ರ ಸುಮಾರಿಗೆ ಒಂದೇ ಬ್ಯಾಂಡಿನಲ್ಲಿದ್ದ ಹುಡುಗರು. 2022ರಲ್ಲಿ ಮತ್ತೆ ಒಂದಾಗಿ, ಸನ್ನಿ ಟೆರ್ರಿ ಮತ್ತು ಬ್ರೌನಿ ಮೆಗೀ ಜೋಡಿಯ ಹಾಡುಗಳನ್ನು ‘ಗೆಟ್ ಆನ್ ಬೋರ್ಡ್’ ಅಂತ ಆಲ್ಬಮ್ ಮಾಡಿದರು. ಇಬ್ಬರೂ ನಗುತ್ತಾ ನುಡಿಸಿದ್ದು ಕೇಳಿದರೇ ಗೊತ್ತಾಗುತ್ತದೆ.

ಇನ್ನು ನನ್ನ ವಾರದ ಪದ್ಧತಿ. 2015ರಿಂದ ಹೊಸ ಆಲ್ಬಮ್‌ಗಳು ಜಗತ್ತಿನ ಎಲ್ಲ ಕಡೆ ಸಾಮಾನ್ಯವಾಗಿ ಶುಕ್ರವಾರವೇ ಬರುತ್ತವೆ. ಅವತ್ತು ನನ್ನ ಪಟ್ಟಿಯಲ್ಲಿರುವ ಹೆಸರುಗಳಲ್ಲಿ ಯಾರದ್ದಾದರೂ ಬಂದಿದೆಯಾ ಅಂತ ನೋಡುತ್ತೇನೆ, ಅವರು ಪಕ್ಕವಾದ್ಯದಲ್ಲಿ ಇದ್ದರೂ ಸರಿ. ಭಾನುವಾರ ಬೆಳಗ್ಗೆ ಡಬ್ಲ್ಯೂಎಸ್‌ಎಂ ರೇಡಿಯೋ ಹಾಕುತ್ತೇನೆ. ಅದರಲ್ಲಿ ಬರುವ ನ್ಯಾಶ್‌ವಿಲ್‌ನ ಗ್ರ್ಯಾಂಡ್ ಓಲ್ ಆಪ್ರಿ ಅನ್ನುವ ಕಂಟ್ರಿ ಸಂಗೀತದ ಕಾರ್ಯಕ್ರಮ 1925ರಿಂದ ನಡೆದುಕೊಂಡು ಬಂದಿದೆ. ಅಲ್ಲಿ ಶನಿವಾರ ರಾತ್ರಿ ಏಳು ಅಂದ್ರೆ ಇಲ್ಲಿ ಭಾನುವಾರ ಬೆಳಗ್ಗೆ ಐದೂವರೆ, ಅವರ ಚಳಿಗಾಲದಲ್ಲಿ ಆರೂವರೆ. ಕಾಫಿ ಹೊತ್ತಿಗೆ ಸರಿಹೋಗುತ್ತದೆ. ಒಬ್ಬೊಬ್ಬರು ಎರಡು ಮೂರು ಹಾಡು ಹಾಡಿ ಹೋಗುತ್ತಾರೆ. ಹಿರಿಯರ ನಡುವೆ ಯಾರೋ ಮೊದಲ ಸಲ ಆ ವೇದಿಕೆ ಹತ್ತಿರುತ್ತಾರೆ. ಆ ಹೆಸರು ನನ್ನ ಪುಸ್ತಕಕ್ಕೆ ಹೋಗುತ್ತದೆ.

ಅಕ್ಕ, ಭಾವ ಉತ್ತರ ಕ್ಯಾರೊಲೈನಾದ ರಾಲಿಯಲ್ಲಿದ್ದಾರೆ. ಅಲ್ಲಿ ಕೆಲವು ವರ್ಷ ದೊಡ್ಡ ಬ್ಲೂಗ್ರಾಸ್ (ಬ್ಯಾಂಜೋ, ಪಿಟೀಲು ಜೋರಾಗಿರುವ ಕಂಟ್ರಿಯ ಒಂದು ಬಗೆ) ಹಬ್ಬ ನಡೆಯುತ್ತಿತ್ತು, ಊರ ನಡುವಿನ ರಸ್ತೆಯಲ್ಲೇ ವೇದಿಕೆ ಹಾಕುತ್ತಿದ್ದರು. ಭಾವ ಒಮ್ಮೆ ಅಲ್ಲಿಂದಲೇ ಫೋನ್ ಮಾಡಿದರು. “ಏನಪ್ಪಾ, ನಿನ್ನ ಬ್ಯಾಂಜೋದವರು ರಸ್ತೆ ತುಂಬ ಇದಾರೆ. ಯಾರನ್ನ ಕೇಳ್ಲಿ?” ಅಂದರು. “ಭಾವ, ವೇದಿಕೆ ಮುಂದಿನ ಬೋರ್ಡ್ ಫೋಟೋ ಕಳಿಸಿ ಸಾಕು, ಜನ ಎಲ್ಲಿ ಕಡಿಮೆ ಇದಾರೋ ಅಲ್ಲಿ ನಿಂತು ಕೇಳಿ” ಅಂದೆ. ಆ ಫೋಟೋದಲ್ಲಿದ್ದ ಹೆಸರುಗಳನ್ನೆಲ್ಲ ಒಂದೊಂದಾಗಿ ಕೇಳಿ ಮುಗಿಸಿದೆ.

ಕೇಳುವಾಗ ಒಂದು ನಿಯಮ ಇಟ್ಟುಕೊಂಡಿದ್ದೇನೆ. ಆಲ್ಬಮ್ ಅನ್ನು ಮೊದಲ ಹಾಡಿನಿಂದ ಕೊನೆವರೆಗೆ, ಕ್ರಮ ತಪ್ಪಿಸದೆ ಕೇಳಬೇಕು. ಎರಡನೇ ಸಲ ಸಾಹಿತ್ಯ ಎದುರಿಗಿಟ್ಟುಕೊಂಡು. ದಕ್ಷಿಣದವರ ಉಚ್ಚಾರ ನಮಗೆ ಕಷ್ಟ, ಓದಿಕೊಂಡು ಕೇಳಿದರೆ ಹಾಡೇ ಬೇರೆಯಾಗುತ್ತದೆ. ಎರಡು ಸಲ ಕೇಳಿದ ಮೇಲೂ ಒಂದು ಸಾಲು, ಒಂದು ಸ್ವರ ತಲೆಯಲ್ಲಿ ಉಳಿಯದಿದ್ದರೆ ಅದನ್ನು ಬಿಡುತ್ತೇನೆ. ಉಳಿದರೆ ದುಡ್ಡು ಕೊಟ್ಟು ಕೊಳ್ಳುತ್ತೇನೆ. ಬ್ಯಾಂಡ್‌ಕ್ಯಾಂಪ್ ಅನ್ನುವ ಸಂಗೀತ ಮಾರುವ ವೆಬ್‌ಸೈಟ್‌ನಲ್ಲಿ ಕೊಂಡರೆ ಹಣದ ಹೆಚ್ಚಿನ ಪಾಲು ಕಲಾವಿದರಿಗೆ ಅಥವಾ ಅವರ ಕಂಪನಿಗೆ ಹೋಗುತ್ತದೆ. ಬ್ಯಾಂಡ್‌ಕ್ಯಾಂಪ್ ಫ್ರೈಡೇ ಅನ್ನುವ ದಿನಗಳಲ್ಲಿ ಅವರು ತಮ್ಮ ಪಾಲನ್ನೂ ಬಿಟ್ಟುಕೊಡುತ್ತಾರೆ, ನಾನು ಆ ದಿನಕ್ಕೆ ಕಾದು ಕೊಳ್ಳುತ್ತೇನೆ. ಬ್ಯಾಂಕ್ ಆ್ಯಪ್‌ನಲ್ಲಿ ಕಾರ್ಡಿನ ವಿದೇಶಿ ವಹಿವಾಟು ಆನ್ ಮಾಡಿಟ್ಟುಕೊಳ್ಳಿ, ಇಲ್ಲದಿದ್ದರೆ ಹಣ ಹೋಗುವುದಿಲ್ಲ. ಕೊಂಡ ಆಲ್ಬಮ್ ಜೊತೆ ಎಷ್ಟೋ ಸಲ ನುಡಿಸಿದವರ ಪೂರ್ತಿ ಪಟ್ಟಿಯೂ ಬರುತ್ತದೆ. ಮುಂದಿನ ಹುಡುಕಾಟಕ್ಕೆ ಬೇಕಾದ ಹೆಸರುಗಳು ಅದರಲ್ಲೇ ಇರುತ್ತವೆ.